ಹರ್ವಿತಾ ಅಂದರೇನು?

ನಮ್ಮ ಕಡೆ ತೊಟ್ಟಿಲ ಮಗುವಿನ ಕಿವಿಯಲ್ಲಿ ಹೆಸರು ಹೇಳುವವಳು ಸೋದರತ್ತೆ. ಕಳೆದ ಕಾರ್ತಿಕದಲ್ಲಿ ಆ ಭಾಗ್ಯ ನನ್ನ ಪಾಲಿಗೆ ಬಂತು. ಕೆ.ಆರ್. ಪೇಟೆ ತಾಲ್ಲೂಕಿನ ನಮ್ಮೂರ ಮನೆಯಲ್ಲಿ ತಮ್ಮನ ಮಗಳನ್ನು ತೊಟ್ಟಿಲಿಗೆ ಹಾಕಿದರು. ನಾನು ಬಗ್ಗಿ ಮೂರು ಸಲ 'ಹರ್ವಿತಾ' ಎಂದೆ. ಸಕ್ಕರೆ ಹಂಚುವುದಕ್ಕೆ ಎದ್ದಾಗ ಕಂಬಕ್ಕೆ ಒರಗಿ ಕೂತಿದ್ದ ಅಜ್ಜಿ ಸೆರಗು ಹಿಡಿದು ನಿಲ್ಲಿಸಿದಳು.

"ಏನಂದೆ ಮಗ? ಅರ್ವೆನಾ?"

ಅರಿವೆ ಅಂದರೆ ಬಟ್ಟೆ. ನೆಂಟರೆಲ್ಲ ನಕ್ಕರು.

"ಅರಿವೆ ಅಲ್ಲ ಅಜ್ಜಿ, ಹರ್ವಿತಾ."

"ಅಂಗಂದ್ರೇನವ್ವ? ಕಾಲೇಜ್ನಾಗೆ ಕನ್ನಡ ಯೇಳ್ಕೊಡೋಳಲ್ವಾ ನೀನು, ಯೇಳು ನೋಡಾನ."

ಹೇಳಲು ನನ್ನಲ್ಲಿ ಏನೂ ಇರಲಿಲ್ಲ. "ಒಳ್ಳೆ ಹೆಸರು ಅಜ್ಜಿ" ಎಂದು ಸಕ್ಕರೆ ಬಟ್ಟಲು ಹಿಡಿದು ಮುಂದೆ ಹೋದೆ.

ಹೆಸರಿನ ಹುಟ್ಟು ನನಗೆ ಗೊತ್ತಿತ್ತು. ಮಗು ಹುಟ್ಟಿದ್ದು ಪುನರ್ವಸು ಮೂರನೇ ಪಾದದಲ್ಲಿ, ಅಕ್ಷರ 'ಹ'. ತಮ್ಮ ಹರೀಶ, ನಾದಿನಿ ವಿನುತ. ಇವನ 'ಹರ್', ಅವಳ 'ವಿ' ಮತ್ತು 'ತ' ಸೇರಿಸಿ ಒಂದು ರಾತ್ರಿ ಆಸ್ಪತ್ರೆಯಲ್ಲಿ ಕೂತು ಹೆಸರು ಕಟ್ಟಿದ್ದರು. "ಇನ್ಯಾರಿಗೂ ಇರಬಾರದು ಅಕ್ಕ" ಎಂದು ತಮ್ಮ ಹೇಳಿದ್ದ.

ಸುದ್ದಿ ತಿಳಿದ ಮೇಲೆ ನಾಲ್ಕು ತಾಲ್ಲೂಕಿನ ನೆಂಟರಿಂದಲೂ ಫೋನು ಬಂತು. ಶ್ರೀರಂಗಪಟ್ಟಣದ ಗಂಜಾಂನಲ್ಲಿರುವ ದೊಡ್ಡಮ್ಮನಿಗೆ ನಿಮಿಷಾಂಬ ದೇವಿಯ ನೆನಪಿಗೆ 'ನಿಮಿಷ' ಆಗಬೇಕಿತ್ತು. ಪಾಂಡವಪುರ ತಾಲ್ಲೂಕಿನ ಬೀಗರು ಮೇಲುಕೋಟೆ ಚೆಲುವನಾರಾಯಣನ ಒಕ್ಕಲು. ಅವರ ಮನೆಯಲ್ಲಿ ಚೆಲುವಮ್ಮ, ಚೆಲುವೇಗೌಡ, ಚೆಲುವರಾಜು ಹೀಗೆ ಮೂರು ತಲೆಮಾರು ದೇವರ ಚೆಲುವನ್ನು ಹಂಚಿಕೊಂಡು ಬಂದಿವೆ. ನಾಗಮಂಗಲ ಅಜ್ಜಿಯ ತವರು. ಅಲ್ಲಿಯವರು ಸೌಮ್ಯಕೇಶವನ 'ಸೌಮ್ಯ'ಳಾದರೂ ಇರಲಿ ಎಂದರು. ಅಕ್ಷರ ಹೊಂದುವುದಿಲ್ಲ ಎಂಬ ನೆಪ ಹೇಳಿ ತಮ್ಮ ಎಲ್ಲರನ್ನೂ ಒಪ್ಪಿಸಿದ.

ಹೆಸರಿಡುವ ಶಾಸ್ತ್ರ ಮುಗಿದ ರಾತ್ರಿ ನಿಘಂಟು ತೆಗೆದೆ. ಹರ್ಷಿತ ಇದೆ, ಅರ್ಪಿತ ಇದೆ, ಅನ್ವಿತ ಇದೆ, ಹರ್ವಿತ ಇಲ್ಲ. ಫೋನಿನಲ್ಲಿ ಹುಡುಕಿದರೆ ಒಂದು ಕಡೆ ಶಿವನ ಕೃಪೆ, ಇನ್ನೊಂದು ಕಡೆ ನಗುಮೊಗದವಳು ಎಂದಿತ್ತು. ಎರಡೂ ಯಾರೋ ಊಹಿಸಿ ಬರೆದದ್ದು. ಈಗ ಮನೆಮನೆಯಲ್ಲೂ ಕೇಳುವ ಇಂಥ ಹೆಸರುಗಳ ಗುಟ್ಟು ಇಷ್ಟೇ. ಕೊನೆಯಲ್ಲಿ 'ಇತ' ಬಂದರೆ ಸಂಸ್ಕೃತ ಕೇಳಿ ಪಳಗಿದ ನಮ್ಮ ಕಿವಿ ಒಳಗೊಂದು ಧಾತು ಇದ್ದೇ ಇರಬೇಕೆಂದು ನಂಬಿಬಿಡುತ್ತದೆ. ಅನ್ವಿತ ಎಂದರೆ ಕೂಡಿಕೊಂಡದ್ದು, ಅರ್ಪಿತ ಎಂದರೆ ಒಪ್ಪಿಸಿದ್ದು. ಹರ್ವಿತಕ್ಕೆ ಬಾಗಿಲಿದೆ, ಒಳಗೆ ಮನೆಯಿಲ್ಲ.

ಮೊದಲಿಗೆ ಸಿಟ್ಟು ಬಂತು. ತರಗತಿಯಲ್ಲಿ ಪದಗಳ ಬೇರು ಹೇಳಿ ಹೊಟ್ಟೆ ಹೊರೆಯುವವಳು ನಾನು. ನನ್ನ ಸೊಸೆಯ ಹೆಸರಿಗೇ ಬೇರಿಲ್ಲ. ಆದರೆ ಯೋಚಿಸಿದಂತೆಲ್ಲ ಹೆಸರು ಕಟ್ಟುವುದು ಈಗಿನವರ ಚಪಲ ಮಾತ್ರವಲ್ಲ ಅನ್ನಿಸಿತು. ಪುಟ್ಟಪ್ಪ ಎಂಬ ಅಪ್ಪಟ ಹಳ್ಳಿಯ ಹೆಸರಿನ ಕುವೆಂಪು ತಮ್ಮ ಮಕ್ಕಳಿಗೆ ಇಟ್ಟದ್ದು ಪೂರ್ಣಚಂದ್ರ ತೇಜಸ್ವಿ, ಕೋಕಿಲೋದಯ ಚೈತ್ರ, ಇಂದುಕಲಾ, ತಾರಿಣಿ ಎಂದು. ತೇಜಸ್ವಿ ಹುಟ್ಟಿದ್ದು 1938ರಲ್ಲಿ. ಆ ಕಾಲದ ಮಲೆನಾಡಿನಲ್ಲಿ ಕೋಕಿಲೋದಯ ಎಂಬ ಹೆಸರು ಎಷ್ಟು ಜನರ ಬಾಯಲ್ಲಿ ತಡವರಿಸಿರಬಹುದು! ಅತ್ತ ಇಂಗ್ಲಿಷಿನ ಜೊನಾಥನ್ ಸ್ವಿಫ್ಟ್ ತನ್ನ ಗೆಳತಿ ಎಸ್ತರ್ ವ್ಯಾನ್‌ಹೊಮ್ರಿಯ ಕುಲನಾಮದ 'ವ್ಯಾನ್' ತೆಗೆದು, ಅದಕ್ಕೆ ಎಸ್ತರ್‌ನ 'ಎಸ್ಸ' ಸೇರಿಸಿ 'ವ್ಯಾನೆಸ್ಸ' ಎಂದು ಕರೆದ. 1726ರಲ್ಲಿ ಆ ಪದ್ಯ ಅಚ್ಚಾಯಿತು. ಇವತ್ತು ಲೋಕದ ತುಂಬ ವ್ಯಾನೆಸ್ಸಗಳಿದ್ದಾರೆ. ನನ್ನ ತಮ್ಮ ಆಸ್ಪತ್ರೆಯಲ್ಲಿ ಕೂತು ಮಾಡಿದ್ದೂ ಇದೇ ಕೆಲಸ.

ನಮ್ಮ ಊರುಗಳದ್ದೂ ಇದೇ ಕತೆ. ಕೃಷ್ಣರಾಜಪೇಟೆ ಹಿಂದೆ ಅತ್ತಿಕುಪ್ಪೆ, ಮಹಾರಾಜರ ಹೆಸರು ಆಮೇಲೆ ಬಂದದ್ದು. ಪಾಂಡವಪುರ ಹಿರೋಡೆಯಾಗಿತ್ತು. ಹೈದರ್, ಟಿಪ್ಪು ಕಾಲದಲ್ಲಿ ಫ್ರೆಂಚ್ ಸೈನಿಕರು ಬೀಡುಬಿಟ್ಟದ್ದರಿಂದ ಫ್ರೆಂಚ್ ರಾಕ್ಸ್ ಆಯಿತು, ಕೊನೆಗೆ ಪಾಂಡವಪುರವಾಯಿತು. ಈಗ ಅಲ್ಲಿನ ಸಂತೆಗೆ ಹೋಗುವವರು ಪಾಂಡವರನ್ನು ನೆನೆಯುವುದಿಲ್ಲ, ಫ್ರೆಂಚರನ್ನೂ ನೆನೆಯುವುದಿಲ್ಲ. ಹೆಸರು ಬಳಸಿ ಬಳಸಿ ಊರೇ ಆಗಿಹೋಗಿದೆ.

ಮರುದಿನ ಬೆಳಿಗ್ಗೆ ಈ ಪಾಂಡಿತ್ಯವನ್ನೆಲ್ಲ ಹೊತ್ತು ಜಗುಲಿಗೆ ಬಂದೆ. ಅಜ್ಜಿ ಅವರೆಕಾಯಿ ಸುಲಿಯುತ್ತಿದ್ದಳು. ಪಕ್ಕದಲ್ಲಿ ಕೂತು ನಿಜ ಹೇಳಿದೆ. "ಅಜ್ಜಿ, ಆ ಹೆಸರಿಗೆ ಅರ್ಥ ಇಲ್ಲ. ಅಪ್ಪ ಅಮ್ಮನ ಹೆಸರು ಸೇರಿಸಿ ಮಾಡಿರೋದು."

ಬಯ್ಯುತ್ತಾಳೆ ಅಂದುಕೊಂಡಿದ್ದೆ. ಅವಳು ಕಾಯಿ ಸುಲಿಯುತ್ತಲೇ ಅಂದಳು, "ಅಂಗಾದ್ರೆ ಒಳ್ಳೇದೇ ಆಯ್ತು ಬುಡು. ನನ್ನೆಸ್ರಿಗೆ ಅರ್ತ ಇತ್ತಲ್ಲ, ಅದ್ರಿಂದ ಏನ್ ಸುಖ ಬಂತು?"

ಅಜ್ಜಿಯ ಹೆಸರು ಸಾಕಮ್ಮ.

ಅವಳು ತವರಿನಲ್ಲಿ ಐದನೆಯ ಹೆಣ್ಣು. ಇನ್ನು ಹೆಣ್ಣು ಸಾಕು ಎಂದು ದೇವರಿಗೆ ತಿಳಿಯಲಿ ಅಂತ ಇಟ್ಟ ಹೆಸರು. ಹುಟ್ಟಿದ ಮಕ್ಕಳು ಉಳಿಯದ ಮನೆಗಳಲ್ಲಿ ಸಾವಿನ ಕಣ್ಣು ತಪ್ಪಿಸಲು ತಿಪ್ಪೆಯ ಹೆಸರಿಟ್ಟು ತಿಪ್ಪಯ್ಯ, ತಿಪ್ಪಮ್ಮ ಎಂದು ಕರೆಯುತ್ತಿದ್ದರು. ಅದರ ಹಿಂದೆ ಮಗು ಬದುಕಲಿ ಎಂಬ ಆಸೆಯಾದರೂ ಇತ್ತು. ಸಾಕಮ್ಮನ ಹಿಂದೆ ಅದೂ ಇರಲಿಲ್ಲ. ಮುಂದಿನ ಸಲ ಗಂಡೇ ಹುಟ್ಟಿತಂತೆ. ಆ ತಮ್ಮನನ್ನು ಎತ್ತಿಕೊಂಡು ತಿರುಗಿದವಳೂ ಇವಳೇ.

"ನಮ್ಮವ್ವ 'ಸಾಕೀ' ಅಂತ ಕೂಗ್ದಾಗೆಲ್ಲ, ಉಣ್ಣಾಕೆ ಕರೀತಾವ್ಳೋ ಬ್ಯಾಡ ಅಂತಾವ್ಳೋ ಗೊತ್ತಾಯ್ತಿರ್ಲಿಲ್ಲ" ಎಂದು ನಕ್ಕಳು. ನನಗೆ ನಗು ಬರಲಿಲ್ಲ. ನಲವತ್ತು ವರ್ಷ ಈ ಹೆಸರನ್ನು ರೇಷನ್ ಕಾರ್ಡಿನಲ್ಲಿ, ಪಹಣಿಯಲ್ಲಿ ಓದಿದ್ದೇನೆ. ಒಮ್ಮೆಯೂ ಅವಳ ಕಿವಿಯಿಂದ ಅದನ್ನು ಕೇಳಿಸಿಕೊಂಡಿರಲಿಲ್ಲ.

ಮಹಾರಾಷ್ಟ್ರದ ಸಾತಾರಾ ಜಿಲ್ಲೆಯಲ್ಲಿ 2011ರಲ್ಲಿ ಒಂದು ಸಮಾರಂಭ ನಡೆಯಿತು. 'ನಕುಸಾ', ಅಂದರೆ ಬೇಡವಾದವಳು ಎಂಬ ಹೆಸರು ಹೊತ್ತಿದ್ದ 285 ಹುಡುಗಿಯರಿಗೆ ಹೊಸ ಹೆಸರು ಕೊಟ್ಟರು. ಹಲವರು ತಮ್ಮ ಹೆಸರನ್ನು ತಾವೇ ಆರಿಸಿಕೊಂಡರು. ಅದನ್ನು ಅಜ್ಜಿಗೆ ಹೇಳಿದೆ.

"ನಂಗೂ ಕೊಟ್ಟಿದ್ರೆ?" ಎಂದು ಅಜ್ಜಿ ಒಂದು ಗಳಿಗೆ ಯೋಚಿಸಿದಳು. "ಬ್ಯಾಡ ಬುಡು. ಈಗ ಕೂಗಿದ್ರೆ ತಿರುಗೋದು ಈ ಎಸ್ರಿಗೇ."

ಆಗ ಹೊಳೆಯಿತು. 'ಸಾಕು' ಎಂದರೆ ಬೇಡ ಎನ್ನುವುದಷ್ಟೇ ಅಲ್ಲವಲ್ಲ! ಅವ್ವ ಗದ್ದೆ ಕೆಲಸಕ್ಕೆ ಹೋದಾಗ ನನ್ನನ್ನೂ ತಮ್ಮನನ್ನೂ ಸಾಕಿದವಳು ಇವಳು. ಕರು ಸಾಕಿದಳು, ಕೋಳಿ ಸಾಕಿದಳು, ತನಗಿಂತ ಹೆಚ್ಚು ಬೇಕಾಗಿದ್ದ ತಮ್ಮನನ್ನೂ ಸಾಕಿದಳು. ಇಟ್ಟವರ ಅರ್ಥ ಒಂದಾದರೆ ಇವಳು ಎಂಬತ್ತು ವರ್ಷ ಬದುಕಿ ಅದರೊಳಗೆ ತುಂಬಿದ್ದು ಇನ್ನೊಂದು.

"ಅಜ್ಜಿ, ಸಾಕಮ್ಮ ಅಂದ್ರೆ ಸಾಕಿದವಳು ಅಂತಲೂ ಆಗುತ್ತೆ."

ಅಜ್ಜಿ ನನ್ನ ಮುಖ ನೋಡಿದಳು. "ಇದು ಪುಸ್ತಕದಾಗೆ ಐತೋ, ನೀನೇ ಕಟ್ಟಿದ್ದೋ?"

"ಪುಸ್ತಕದಲ್ಲೂ ಇದೆ."

"ಅಂಗಾದ್ರೆ ಇರ್ಲಿ" ಎಂದು ಸುಲಿದ ಕಾಳನ್ನು ಮೊರಕ್ಕೆ ಸುರಿದಳು.

ಒಳಗೆ ಮಗು ಅತ್ತಿತು. ಬರಿಯ ಬಟ್ಟಲಿನಂಥ ಹೆಸರಿನ ಮಗು. ಅದರಲ್ಲಿ ಯಾರ ಹರಕೆಯೂ ಇಲ್ಲ, ಯಾರ ನಿಟ್ಟುಸಿರೂ ಇಲ್ಲ. ಏನು ತುಂಬಿಕೊಳ್ಳುತ್ತಾಳೋ ಅವಳಿಗೇ ಬಿಟ್ಟದ್ದು. ವಿನುತ ಅಡಿಗೆಮನೆಯಲ್ಲಿದ್ದಳು. ಅಜ್ಜಿ ಮೊಣಕಾಲಿಗೆ ಕೈಯೂರಿ ಎದ್ದಳು.

"ಬಂದೆ ಕಣವ್ವ, ಅರ್ವೀ, ಬಂದೆ."