ನೆಲ್ಲೂರು ಎಂದುಬಿಟ್ಟೆ

ಪಾಂಡಿಚೇರಿಯನ್ನು ಒಂದೇ ಹಗಲಿನಲ್ಲಿ ತೋರಿಸಿ ಮುಗಿಸುತ್ತೇನೆ ಎಂದು ಮುಂದೆ ಬಿದ್ದು ಹೇಳಿದವನು ನಾನೇ. ಯಾರೂ ಬಲವಂತ ಮಾಡಿರಲಿಲ್ಲ. ಬೇಸಿಗೆ ರಜೆಯಲ್ಲಿ, ಚಿತ್ರಾ ಪೌರ್ಣಮಿಗೆ ತಿರುವಣ್ಣಾಮಲೈಗೆ ಹೋಗಿ ಗಿರಿ ಪ್ರದಕ್ಷಿಣೆ ಮಾಡಿಬರೋಣ ಎಂದು ಮುದ್ದೇನಹಳ್ಳಿಯ ನಮ್ಮ ಬೀದಿಯ ಹಿರಿಯರು ಮಾತಾಡಿಕೊಂಡಿದ್ದರು. ಅಷ್ಟು ದೂರ ಹೋದ ಮೇಲೆ ಇನ್ನೊಂದು ನೂರು ಕಿಲೋಮೀಟರು, ಸಮುದ್ರವನ್ನೂ ನೋಡಿಬಿಡೋಣ, ಆ ಊರಿಗೆ ದೊಡ್ಡ ಇತಿಹಾಸವಿದೆ, ಗೈಡಿಗೆ ಯಾಕೆ ದುಡ್ಡು, ನಾನಿಲ್ಲವೇ ಎಂದೆ. ಹೈಸ್ಕೂಲಿನಲ್ಲಿ ಸಮಾಜ ವಿಜ್ಞಾನ ಹೇಳಿಕೊಡುವ ಮೇಷ್ಟರ ಮಾತು, ಒಪ್ಪಿದರು. ಪಾಂಡಿಚೇರಿ ಎಂದ ಕೂಡಲೇ ಇಬ್ಬರು ಹುಡುಗರು ತಾವೂ ಬರುತ್ತೇವೆಂದು ಹೆಸರು ಕೊಟ್ಟದ್ದು ಯಾವ ಇತಿಹಾಸಕ್ಕಾಗಿ ಎಂದು ಬಿಡಿಸಿ ಹೇಳಬೇಕಿಲ್ಲ.

ನಮ್ಮೂರಿನವರಿಗೆ ಊರು ತೋರಿಸುವ ಕೆಲಸ ಹೊಸದಲ್ಲ. ನಂದಿಬೆಟ್ಟ ಇಳಿದು ಭೋಗನಂದೀಶ್ವರನಿಗೆ ಕೈಮುಗಿದ ಗಾಡಿಗಳು ನಮ್ಮೂರ ಕಡೆ ತಿರುಗುತ್ತವೆ. ವಿಶ್ವೇಶ್ವರಯ್ಯನವರು ಹುಟ್ಟಿದ ಮನೆ, ಅವರ ಸಮಾಧಿ. ಬಂದವರು ಕಾಲು ಗಂಟೆ ನಿಂತು, ಫೋಟೊ ತೆಗೆಸಿಕೊಂಡು, ಕನ್ನಂಬಾಡಿ ಕಟ್ಟಿದವರಲ್ವಾ ಎಂದು ಹೇಳಿ ಹೊರಟುಬಿಡುತ್ತಾರೆ. ಅವರನ್ನು ನೋಡಿ ನಾನು ಒಳಗೊಳಗೇ ನಕ್ಕದ್ದುಂಟು. ಪರಿಚಯದವರು ಬಂದರೆ ಮಾತ್ರ ಜೊತೆಗೆ ಹೋಗಿ, ಅವರಿಗೆ ಗೊತ್ತಿಲ್ಲದ್ದನ್ನು ಹೇಳುತ್ತೇನೆ. ಅದರಲ್ಲಿ ನನ್ನ ಮೆಚ್ಚಿನದು ಏಡನ್ ಪ್ರಸಂಗ. 1906ರಲ್ಲಿ ವಿಶ್ವೇಶ್ವರಯ್ಯನವರನ್ನು ನೀರು ಮತ್ತು ಒಳಚರಂಡಿ ವ್ಯವಸ್ಥೆಗೆ ಸಲಹೆ ಕೊಡಲು ಏಡನ್ ಬಂದರಿಗೆ ಕಳಿಸಿದ್ದರು. ಕೋಟೆ, ಹಡಗು, ಸುತ್ತ ಸಮುದ್ರ, ಕುಡಿಯಲು ಮಾತ್ರ ನೀರಿಗೆ ಪರದಾಟ. ನಮ್ಮೂರಿನವರು ಸಮುದ್ರದ ದಂಡೆಗೆ ಹೋಗಿ ವಿಚಾರಿಸಿದ್ದು ಸಿಹಿನೀರು ಎಲ್ಲಿಂದ ಬರಬೇಕು ಎಂಬುದನ್ನು ಎಂದು ನಾನು ಹೇಳಿದರೆ ಕೇಳುವವರು ತಲೆದೂಗುತ್ತಾರೆ. ನನಗೇ ಒಂದು ಸಮುದ್ರದ ದಂಡೆ ಸಿಕ್ಕಾಗ ಆ ಪಾಠ ನೆನಪಿಗೆ ಬರಲಿಲ್ಲ.

ತಯಾರಿ ಮಾತ್ರ ಜೋರಾಗಿಯೇ ನಡೆದಿತ್ತು. ನೋಟ್‌ಬುಕ್ಕಿನಲ್ಲಿ ಗಂಟೆಗೆ ಇಷ್ಟು ಜಾಗ ಎಂದು ಬರೆದುಕೊಂಡೆ. 1674ರಲ್ಲಿ ಫ್ರೆಂಚರು ನೆಲೆಯೂರಿದ್ದು, 1693ರಲ್ಲಿ ಡಚ್ಚರು ಕಿತ್ತುಕೊಂಡದ್ದು, ಡೂಪ್ಲೆ ಗವರ್ನರ್ ಆಗಿ ಮೆರೆದದ್ದು, 1761ರಲ್ಲಿ ಇಂಗ್ಲಿಷರು ಊರನ್ನೇ ಕೆಡವಿ ನೆಲಸಮ ಮಾಡಿದ್ದು. 1954ರ ನವೆಂಬರ್ 1ರಂದು ಆಡಳಿತ ಭಾರತದ ಕೈಗೆ ಬಂದರೂ, ಕಾಗದದ ಮೇಲೆ ಅದು ಪೂರ್ತಿ ನಮ್ಮದಾದದ್ದು 1962ರ ಆಗಸ್ಟ್ 16ರಂದು. ನಮ್ಮ ಕಡೆಯ ನಂಟನ್ನೂ ಬಿಟ್ಟಿರಲಿಲ್ಲ. ದೇವನಹಳ್ಳಿಯ ಮುತ್ತಿಗೆಯಲ್ಲಿ ಹೆಸರು ಮಾಡಿದ ಹೈದರ್ ಮುಂದೆ 1760ರಲ್ಲಿ, ಇಂಗ್ಲಿಷರು ಪಾಂಡಿಚೇರಿಯ ಮೇಲೆ ಬಿದ್ದಿದ್ದಾಗ, ಫ್ರೆಂಚರ ನೆರವಿಗೆ ಮಖ್ದೂಮ್ ಅಲಿಯ ಕೈಕೆಳಗೆ ದಂಡು ಕಳಿಸಿದ್ದ. ಟೆಂಪೊ ಟ್ರಾವೆಲರ್ ದೇವನಹಳ್ಳಿ ಕೋಟೆಯ ಹತ್ತಿರ ಬಂದಾಗಲೇ ಇದನ್ನು ಶುರುಮಾಡಿದೆ. ಹೊಸಕೋಟೆ ದಾಟುವಷ್ಟರಲ್ಲಿ ಅರ್ಧ ಗಾಡಿ ನಿದ್ದೆಗೆ ಜಾರಿತ್ತು.

ತಿರುವಣ್ಣಾಮಲೈಯ ಮಟ್ಟಿಗೆ ಎಲ್ಲ ಚೆನ್ನಾಗಿಯೇ ಆಯಿತು, ಅಲ್ಲಿ ನಾನು ಮಾತಾಡಬೇಕಾಗಿರಲಿಲ್ಲ.

ಪಾಂಡಿಚೇರಿಗೆ ಸೇರಿದಾಗ ಬಿಸಿಲು ಏರಿತ್ತು. ನಮ್ಮದು ನಂದಿಬೆಟ್ಟದ ಗಾಳಿ ಕುಡಿದು ಬೆಳೆದ ಮೈ, ಮೇ ತಿಂಗಳ ಆ ಸೆಕೆಗೆ ಹೆಂಗಸರು ಸೆರಗಿನಲ್ಲಿ ಗಾಳಿ ಹಾಕಿಕೊಳ್ಳುತ್ತ ಇಳಿದರು. ಅತ್ತೆಯ ಕೈಯಲ್ಲಿ ಬಟ್ಟೆ ಚೀಲ. ಅದರಲ್ಲಿ ತೆಂಗಿನಕಾಯಿ, ಅರಿಶಿನ ಕುಂಕುಮ, ಎಲೆ ಅಡಿಕೆ, ಮಡಿಸಿಟ್ಟ ಹೊಸ ರವಿಕೆ ಕಣ. ಸಮುದ್ರರಾಯನಿಗೆ ಬಾಗಿನ ಬಿಟ್ಟು, ಮೂರು ಮುಳುಗು ಹಾಕಿ ಬರಬೇಕೆಂದು ಊರಿನಿಂದಲೇ ಕಟ್ಟಿಕೊಂಡು ಬಂದದ್ದು. ಬೀಚ್ ರಸ್ತೆಗೆ ಕರೆದುಕೊಂಡು ಹೋದೆ. ಗಾಂಧಿ ಪ್ರತಿಮೆ, ಅದರ ಸುತ್ತ ಸೆಂಜಿ ಕೋಟೆಯಿಂದ ತಂದದ್ದೆನ್ನುವ ಕಲ್ಲುಕಂಬಗಳು, ಹಳೆಯ ದೀಪಸ್ತಂಭ, ಕೆಂಪು ಟೋಪಿಯ ಪೊಲೀಸ್. ಎಲ್ಲ ಇತ್ತು, ಆದರೆ ಮರಳು ಇರಲಿಲ್ಲ. ರಸ್ತೆಯ ಅಂಚಿಗೇ ಕಪ್ಪು ಬಂಡೆಗಳ ರಾಶಿ, ಬಂಡೆಗಳಿಗೆ ಅಪ್ಪಳಿಸುವ ಅಲೆ. ನೀರಿಗೆ ಇಳಿಯುವ ಹಾಗೇ ಇರಲಿಲ್ಲ. 1980ರ ದಶಕದ ಕೊನೆಯಲ್ಲಿ ಊರಿನ ದಕ್ಷಿಣಕ್ಕೆ ಬಂದರು ಕಟ್ಟಿ ಸಮುದ್ರದೊಳಕ್ಕೆ ಕಲ್ಲಿನ ಗೋಡೆ ಚಾಚಿದ ಮೇಲೆ, ದಕ್ಷಿಣದಿಂದ ಉತ್ತರಕ್ಕೆ ಸಾಗಿಬರುತ್ತಿದ್ದ ಮರಳು ಅಲ್ಲೇ ತಡೆದು ನಿಂತಿತು. ಊರಿನ ಮುಂದಿದ್ದ ಮರಳನ್ನು ಸಮುದ್ರ ತಿಂದುಹಾಕಿತು. ಉಳಿದ ದಡವನ್ನು ಕಾಯಲು ಬಂಡೆ ಸುರಿದರು. ಇದೆಲ್ಲ ನಾನು ಆಮೇಲೆ ತಿಳಿದುಕೊಂಡದ್ದು. ಡೂಪ್ಲೆ ಗವರ್ನರ್ ಆದ ಇಸವಿ ನೋಟ್‌ಬುಕ್ಕಿನಲ್ಲಿತ್ತು, ಕಾಲು ತೊಳೆಯಲು ಜಾಗ ಇದೆಯೇ ಎಂಬುದು ಇರಲಿಲ್ಲ.

"ಇದೇನೋ, ಸಮುದ್ರಕ್ಕೂ ಕಾಂಪೌಂಡ್ ಹಾಕವ್ರೆ," ಎಂದರು ಅತ್ತೆ. ಕಾಯಿಯನ್ನು ಬಂಡೆಯ ಮೇಲೆ ಒಡೆಯಲು ಒಬ್ಬರು ಹೋಗಿ, ಪಾಚಿಗೆ ಕಾಲು ಜಾರಿ, ಸ್ವಲ್ಪದರಲ್ಲಿ ಉಳಿದುಕೊಂಡರು. ಚೀಲ ಹಾಗೆಯೇ ಗಾಡಿಗೆ ವಾಪಸಾಯಿತು.

ಅಲ್ಲಿಂದ ಮುಂದೆ ನನ್ನ ಪಟ್ಟಿ ಒಂದೊಂದಾಗಿ ಕೈಕೊಟ್ಟಿತು. ಅಂದು ಸೋಮವಾರ, ವಸ್ತುಸಂಗ್ರಹಾಲಯಕ್ಕೆ ರಜೆ. ಅರವಿಂದಾಶ್ರಮದ ಬಾಗಿಲಿಗೆ ಹೋಗುವಷ್ಟರಲ್ಲಿ ಮಧ್ಯಾಹ್ನದ ಬಿಡುವಿಗೆ ಮುಚ್ಚಿದ್ದರು. ಬಾಗಿಲ ಮುಂದೆ ನಿಂತು, ಅರವಿಂದರು 1910ರ ಏಪ್ರಿಲ್‌ನಲ್ಲಿ ಇಂಗ್ಲಿಷರ ಕೈಗೆ ಸಿಗದೆ ಇಲ್ಲಿಗೆ ಬಂದು ಸೇರಿದ ಕಥೆ ಹೇಳಲು ಹೊರಟೆ. "ನೆರಳಿಗೆ ಹೋಗೋಣಪ್ಪ," ಎಂದರು ಯಾರೋ. ಎಲ್ಲರೂ ಮನಸಾರೆ ಖುಷಿಪಟ್ಟದ್ದು ಮನಕುಲ ವಿನಾಯಕನ ಗುಡಿಯ ಬಾಗಿಲಲ್ಲಿ. ಅಲ್ಲಿ ಲಕ್ಷ್ಮಿ ಎಂಬ ಆನೆ ಇತ್ತು. ಕಾಸು ಕೊಟ್ಟರೆ ಸೊಂಡಿಲಿನಲ್ಲಿ ತೆಗೆದುಕೊಂಡು ಮಾವುತನಿಗೆ ಕೊಟ್ಟು, ಅದೇ ಸೊಂಡಿಲನ್ನು ತಲೆಯ ಮೇಲಿಟ್ಟು ಹರಸುತ್ತಿತ್ತು. ಅತ್ತೆ ಮತ್ತೆ ಮತ್ತೆ ಹೋಗಿ ಹರಸಿಕೊಂಡರು. ನನಗೆ ಗಡಿಯಾರದ ಚಿಂತೆ. ಸಾಕು ನಡೀರಿ, ಇನ್ನೂ ಚರ್ಚು ನೋಡಬೇಕು ಎಂದು ಎಬ್ಬಿಸಿದೆ. 2022ರ ನವೆಂಬರ್ ಕೊನೆಯಲ್ಲಿ ಆ ಆನೆ ಬೀದಿಯಲ್ಲೇ ಕುಸಿದು ಸತ್ತ ಸುದ್ದಿ ಟಿವಿಯಲ್ಲಿ ಬಂದಾಗ ಅತ್ತೆ ನನ್ನನ್ನು ಕರೆದು ತೋರಿಸಿದರು. ಆ ಪ್ರವಾಸದಲ್ಲಿ ಅವರ ನೆನಪಿನಲ್ಲಿ ಉಳಿದದ್ದು ಅದೊಂದೇ.

ಇಷ್ಟಾದರೂ ಇದನ್ನು ಸೋಲು ಎನ್ನುತ್ತಿರಲಿಲ್ಲ. ಬಿಸಿಲು, ರಜೆ, ಮುಚ್ಚಿದ ಬಾಗಿಲು ಯಾವ ಪ್ರವಾಸದಲ್ಲಿಲ್ಲ? ಸೋತದ್ದು ಸಂಜೆ, ಗಾಂಧಿ ಪ್ರತಿಮೆಯ ಹತ್ತಿರ ಕಡಲೆಕಾಯಿ ತಿನ್ನುತ್ತ ಕುಳಿತಿದ್ದಾಗ.

ನಮ್ಮ ದೊಡ್ಡಪ್ಪ ದ್ರಾಕ್ಷಿ ತೋಟದವರು. ಹೆಚ್ಚು ಮಾತಿಲ್ಲ. ದಿನವಿಡೀ ನನ್ನ ಹಿಂದೆ ನಡೆದು ಏನೂ ಕೇಳಿರಲಿಲ್ಲ. ಆಗ ಕೇಳಿದರು: "ಅಲ್ಲಪ್ಪಾ, ನಮ್ಮ ಪೆನ್ನೇರು ಈ ಸಮುದ್ರಕ್ಕೇ ಸೇರೋದಂತಲ್ಲ, ಎಲ್ಲಿ ಅದು? ತೋರಿಸ್ತೀಯಾ?"

"ಅದು ಇಲ್ಲಲ್ಲ ದೊಡ್ಡಪ್ಪ, ನೆಲ್ಲೂರು ಹತ್ರ. ಆಂಧ್ರದಲ್ಲಿ. ಬಲು ದೂರ," ಎಂದೆ. ಯೋಚಿಸಲೂ ಇಲ್ಲ, ಅಷ್ಟು ಧೈರ್ಯ.

ಅವರು ಸಿಪ್ಪೆಯನ್ನು ಕಾಗದದ ಪೊಟ್ಟಣಕ್ಕೆ ಹಾಕಿ, ಬಾಯಿ ಒರೆಸಿಕೊಂಡು ಹೇಳಿದರು: "ನೆಲ್ಲೂರಿಗೆ ಹೋಗೋದು ಗೌರಿಬಿದನೂರು ಕಡೇದು. ಅದು ಉತ್ತರ ಪಿನಾಕಿನಿ. ನಾ ಕೇಳಿದ್ದು ಹೊಸಕೋಟೆ ಮೇಲೆ ಹೋಗೋದನ್ನ."

ಪಕ್ಕದಲ್ಲಿ ಆಟೊ ನಿಲ್ಲಿಸಿಕೊಂಡಿದ್ದವನೊಬ್ಬ ನಮ್ಮ ಮಾತು ಕೇಳಿಸಿಕೊಂಡು ಬಂದ. ಬೆಳಗ್ಗೆ ಊರು ತೋರಿಸಲಾ ಎಂದು ಕೇಳಿದ್ದ, ನಾನು ಬೇಡವೆಂದು ಕೈ ಆಡಿಸಿದ್ದೆ. ಒಂದಷ್ಟು ಕಾಲ ಬೆಂಗಳೂರಿನಲ್ಲಿ ದುಡಿದಿದ್ದನಂತೆ, ಹರಕುಮುರುಕು ಕನ್ನಡ ಇತ್ತು. "ತೆನ್‌ಪೆಣ್ಣೈನಾ? ಇಲ್ಲೇ ಸಾರ್. ಕಡಲೂರು ರೋಡ್. ಅರ್ಧ ಗಂಟೆ, ಮುಕ್ಕಾಲು ಗಂಟೆ. ಬ್ರಿಜ್ ಮೇಲೆ ನಿಂತ್ರೆ ಸಮುದ್ರದ ಕಡೆ ಹೋಗೋದು ಕಾಣುತ್ತೆ. ಸ್ನಾನಕ್ಕೆ ಮರಳು ಬೇಕಂದ್ರೆ ದಾರೀಲೇ ವೀರಾಂಪಟ್ಟಿಣಂ."

ಎರಡೂ ಒಂದೇ ದಾರಿಯಲ್ಲಿದ್ದವು. ಅತ್ತೆಯ ಬಾಗಿನ, ದೊಡ್ಡಪ್ಪನ ಹೊಳೆ. ಬೆಳಗ್ಗೆ ಅವನನ್ನು ಒಂದು ಮಾತು ಕೇಳಿದ್ದರೆ ಮುಗಿಯುತ್ತಿತ್ತು. ಗಾಡಿಯ ಪರ್ಮಿಟ್ ಅವಧಿ ಮುಗಿಯುತ್ತದೆಂದು ಡ್ರೈವರ್ ಅವಸರ ಮಾಡುತ್ತಿದ್ದ, ಕತ್ತಲೂ ಆಗಿತ್ತು. ದೊಡ್ಡಪ್ಪ ಏನೂ ಅನ್ನದೆ ಎದ್ದು ಗಾಡಿಯ ಕಡೆ ನಡೆದರು. ಬೈದಿದ್ದರೆ ಎಷ್ಟೋ ವಾಸಿ ಎನಿಸಿತು.

ಊರಿಗೆ ಬಂದ ಮೇಲೆ ನಕ್ಷೆ ಹರಡಿಕೊಂಡು ಕುಳಿತೆ. ನಾಚಿಕೆಯಾಗುವಷ್ಟು ಸರಳವಾಗಿತ್ತು. ನಂದಿಯ ಸಾಲಿನ ಚೆನ್ನಕೇಶವ ಬೆಟ್ಟದಲ್ಲಿ ಹುಟ್ಟುವ ದಕ್ಷಿಣ ಪಿನಾಕಿನಿ ಹೊಸಕೋಟೆಯ ಕಡೆ ಇಳಿಯುತ್ತದೆ. ಬೆಂಗಳೂರಿನ ಬೆಳ್ಳಂದೂರು, ವರ್ತೂರು ಕೆರೆಗಳ ಕೋಡಿ ನೀರನ್ನೂ ಸೇರಿಸಿಕೊಂಡು ಹೊಸೂರಿನ ಹತ್ತಿರ ಕೆಲವರಪಲ್ಲಿ ಅಣೆಕಟ್ಟಿಗೆ ಹೋಗುತ್ತದೆ. ನಮ್ಮ ಸಾಬೂನಿನ ನೊರೆ ಅಲ್ಲಿ ಆಳೆತ್ತರ ನಿಲ್ಲುವುದನ್ನು ಟಿವಿಯಲ್ಲಿ ನೋಡಿದ್ದೇವೆ. ಕೃಷ್ಣಗಿರಿ, ಸಾತನೂರು ಅಣೆಕಟ್ಟುಗಳನ್ನು ದಾಟಿ, ತಿರುಕ್ಕೋವಿಲೂರಿನ ಮೇಲೆ ಹಾದು, ಕಡಲೂರಿನ ಬಳಿ ಬಂಗಾಳ ಕೊಲ್ಲಿಗೆ ಸೇರುತ್ತದೆ. ಪುದುಚೇರಿಯ ಬಾಹೂರು ಸೀಮೆಯ ಕೆರೆಗೆ ನೀರು ಬರುವುದೂ ಇದೇ ನದಿಯಿಂದ ತೆಗೆದ ಬಂಗಾರು ಕಾಲುವೆಯಲ್ಲಿ. ಎಂದರೆ ಫ್ರೆಂಚರು ಆಳಿದ ಆ ಸೀಮೆಯ ಗದ್ದೆಗೆ ನಮ್ಮ ಬೆಟ್ಟದ ಹೊಳೆಯ ನೀರು. ಇಷ್ಟನ್ನು ಪಕ್ಕಕ್ಕಿಟ್ಟು ನಾನು ಹೈದರನ ದಂಡಿನಲ್ಲಿ ನಂಟು ಹುಡುಕುತ್ತಿದ್ದೆ. ದೊಡ್ಡಪ್ಪನಿಗೆ ಇದು ಹೇಗೆ ಗೊತ್ತು ಎಂದರೆ, ಹಿಂದೆ ತರಕಾರಿ ಲಾರಿಯ ಜೊತೆ ಕೃಷ್ಣಗಿರಿಯ ತನಕ ಹೋಗಿಬರುತ್ತಿದ್ದಾಗ ಅಲ್ಲಿಯವರನ್ನು ಕೇಳಿದ್ದರಂತೆ. ನಮ್ಮಲ್ಲಿ ಬತ್ತಿ, ಸಾವಿರ ಅಡಿ ಕೊರೆದರೂ ನೀರು ಸಿಗದ ಹಾಗಾದ ಮೇಲೆ, ಆ ಹೊಳೆ ಕಡೆಗೆ ಎಲ್ಲಾದರೂ ನೀರಾಗಿ ಉಳಿದಿದೆಯೇ ಎಂದು ನೋಡುವ ಆಸೆ.

ಮುಂದೆ ಬೇರೆ ಕೆಲಸಕ್ಕೆ ಆ ಕಡೆ ಹೋದಾಗ ಕಡಲೂರಿನ ರಸ್ತೆ ಹಿಡಿದೆ. ದಾರಿ ಬಿಟ್ಟು ಬಾಹೂರಿಗೂ ಹೋದೆ. ಅಲ್ಲಿನ ಮೂಲನಾಥರ್ ಗುಡಿಯ ಗೋಡೆಯ ಶಾಸನಗಳಲ್ಲಿ ಕನ್ನರದೇವನ ಹೆಸರಿದೆ. ಕನ್ನರದೇವ ಎಂದರೆ ರಾಷ್ಟ್ರಕೂಟರ ಮೂರನೆಯ ಕೃಷ್ಣ. ಮಂಡ್ಯ ಜಿಲ್ಲೆಯ ಆತಕೂರಿನ ಶಾಸನದಲ್ಲಿ, ಹಂದಿಯೊಡನೆ ಕಾದಿ ಸತ್ತ ಕಾಳಿ ಎಂಬ ನಾಯಿಯ ಜೊತೆಗೆ ಬರುತ್ತದಲ್ಲ, ಆ ತಕ್ಕೋಲದ ಯುದ್ಧ ಗೆದ್ದವನು. ಅದನ್ನು ಪ್ರತಿ ವರ್ಷ ಹತ್ತಾರು ಮಕ್ಕಳಿಗೆ ಹೇಳಿಕೊಡುವ ನಾನು, ಅದರ ಇನ್ನೊಂದು ತುದಿ ಬಿಳಿಯರ ಬೀದಿಗಳಿಂದ ಇಷ್ಟು ಹತ್ತಿರದಲ್ಲಿದೆ ಎಂದು ಅರಿಯದೆ, ಹಳದಿ ಗೋಡೆಗಳ ಮುಂದೆ ಎಲ್ಲರನ್ನೂ ನಿಲ್ಲಿಸಿ ಫೋಟೊ ಹೊಡೆಸಿದ್ದೆ.

ಸೇತುವೆಯ ಮೇಲಿನಿಂದ ಹೊಳೆಯ ವಿಡಿಯೊ ಮಾಡಿಕೊಂಡು ಬಂದು ದೊಡ್ಡಪ್ಪನಿಗೆ ತೋರಿಸಿದೆ. ಮಂಡಿನೋವು, ಅವರಿಗೆ ಈಗ ದೂರದ ಪ್ರಯಾಣ ಆಗುವುದಿಲ್ಲ. ಫೋನನ್ನು ಕಣ್ಣಿನ ಹತ್ತಿರ ಹಿಡಿದು, ಅಗಲವಾದ ಮರಳು, ನಡುವೆ ಹರಿಯುವ ನೀರು ನೋಡಿ, "ವಾಸನೆ ಇತ್ತಾ?" ಎಂದು ಕೇಳಿದರು. ಗಮನಿಸಲಿಲ್ಲ ಎಂದೆ. ಈ ಸಲ ಕನಿಷ್ಠ ಸುಳ್ಳು ಹೇಳಲಿಲ್ಲ. 2024ರ ಡಿಸೆಂಬರ್ ಮೊದಲಲ್ಲಿ ಫೆಂಗಲ್ ಚಂಡಮಾರುತದ ಮಳೆಗೆ ಸಾತನೂರು ಅಣೆಕಟ್ಟಿನಿಂದ ಒಂದೂವರೆ ಲಕ್ಷ ಕ್ಯೂಸೆಕ್‌ಗೂ ಹೆಚ್ಚು ನೀರು ಬಿಟ್ಟು ಕಡಲೂರು ಕಡೆ ಊರುಗಳು ಮುಳುಗಿದಾಗ, ದೊಡ್ಡಪ್ಪ ಟಿವಿಯ ಮುಂದಿನಿಂದ ಏಳಲಿಲ್ಲ.

ಒಂದು ಹಗಲಿನ ಪ್ರವಾಸ ಕೆಟ್ಟದ್ದೆಂದು ನಾನು ಹೇಳುವುದಿಲ್ಲ. ಬೆಳೆ, ಹಾಲು ಕರೆಯುವುದು, ರೇಷ್ಮೆ ಹುಳು ಪೊರೆ ಬಿಟ್ಟು ಜ್ವರದಿಂದ ಎದ್ದಾಗ ಸೊಪ್ಪು ಹಾಕುವ ಹೊತ್ತು, ಇವುಗಳ ನಡುವೆ ನಮ್ಮ ಜನಕ್ಕೆ ಸಿಗುವುದೇ ಅಷ್ಟು. ಅಷ್ಟರಲ್ಲಿ ಏನು ನೋಡಬೇಕೆಂದು ನೋಡುವವರನ್ನು ಕೇಳದೆ ಪಟ್ಟಿ ಬರೆದದ್ದು ನನ್ನ ತಪ್ಪು. ಆ ಊರಿನವನೊಬ್ಬನಿಗೆ ಕೊಡಬೇಕಾಗಿದ್ದ ಕೂಲಿಯನ್ನು ಉಳಿಸಿದ್ದು ಅದಕ್ಕಿಂತ ದೊಡ್ಡದು. ಈಗ ನಮ್ಮೂರಿಗೆ ಬಂದವರು ಕಾಲು ಗಂಟೆ ನಿಂತು ಹೊರಟರೆ ನಗುವುದನ್ನು ಬಿಟ್ಟಿದ್ದೇನೆ. ಅವರಿಗೇನು ಬೇಕಿತ್ತೋ ಯಾರೂ ಕೇಳಿರಲಿಕ್ಕಿಲ್ಲ.

ಚಿಕ್ಕಬಳ್ಳಾಪುರ, ಚಿಂತಾಮಣಿ, ಶಿಡ್ಲಘಟ್ಟದ ಕಡೆಯಿಂದ ತಿರುವಣ್ಣಾಮಲೈಗೆ ಗಾಡಿ ಮಾಡಿಕೊಂಡು ಹೋಗುವವರು ಬಹಳ ಜನ. ಅಂಥವರಲ್ಲಿ ನನ್ನ ವಿನಂತಿ ಇಷ್ಟು: ಪಾಂಡಿಚೇರಿಗೆ ಹೋದರೆ ಕಡಲೂರಿನ ದಾರಿಯಲ್ಲಿ ಇಪ್ಪತ್ತು ಕಿಲೋಮೀಟರು ಮುಂದೆ, ನಮ್ಮ ಪೆನ್ನೇರಿನ ತನಕ ಹೋಗಿ. ಸಂಕ್ರಾಂತಿ ಕಳೆದ ಮೇಲೆ ಹೋಗುವುದಾದರೆ ಇನ್ನೂ ಒಳ್ಳೆಯದು. ತಮಿಳರ ತೈ ತಿಂಗಳ ಐದನೆಯ ದಿನ ಸುತ್ತಲಿನ ಊರುಗಳ ದೇವರುಗಳನ್ನೆಲ್ಲ ಆ ಹೊಳೆಯ ದಂಡೆಗೆ ತಂದು ಸ್ನಾನ ಮಾಡಿಸಿ ಜಾತ್ರೆ ನಡೆಸುತ್ತಾರೆ. ಜನವರಿ 18ರ ಆಸುಪಾಸು ಬರುತ್ತದೆ.