ಅಪ್ಪನ ನಲವತ್ತೆಂಟು ಅಂಕಿಗಳು

ಏನೂ ಬರೆಯದೆ ತುಂಬಾ ದಿನ ಆಗಿತ್ತು. ಕೆಲಸ ಮತ್ತು ಸೋಮಾರಿತನ, ಎರಡೂ ಸಮಪಾಲು :) ಇವತ್ತು ಮಾತ್ರ ಬರೀಲೇಬೇಕು ಅನ್ನಿಸ್ತು. ಒಂದು ಲ್ಯಾಪ್‌ಟಾಪ್ ಎರಡು ವಾರ ನನ್ನ ಮಾನ ತೆಗೆದ ಕಥೆ ಇದು.

ನಮ್ಮಪ್ಪ ನಿವೃತ್ತ ಗಣಿತ ಮೇಷ್ಟ್ರು. ಕನ್ನಡ ಮಾಧ್ಯಮದ ಹೈಸ್ಕೂಲಿನಲ್ಲಿ ಮೂವತ್ತು ವರ್ಷ ಪಾಠ ಮಾಡಿ, ಈಗ ಮೈಸೂರಿನ ಕುವೆಂಪುನಗರದ ಮನೆಯಲ್ಲಿ ಅಮ್ಮನಿಗೆ ಪಾಠ ಹೇಳಲು ಹೋಗಿ ಬೈಸಿಕೊಳ್ಳುತ್ತಾ ಇದ್ದಾರೆ. ಎರಡು ವರ್ಷದ ಹಿಂದೆ ಅವರಿಗೊಂದು ಲ್ಯಾಪ್‌ಟಾಪ್ ಕೊಡಿಸಿದ್ದೆ. ಅದರಲ್ಲಿ ಅವರು ಮಾಡಿದ ಒಂದೇ ಕೆಲಸ ಅಂದ್ರೆ ಅಜ್ಜಿಯ ಹಾಡುಗಳನ್ನ ಟೈಪ್ ಮಾಡಿದ್ದು. ಅಜ್ಜಿ ನಂಜನಗೂಡು ಕಡೆಯ ಹಳ್ಳಿಯವರು. ಹಸೆಗೆ ಕರೆಯೋ ಹಾಡು, ಆರತಿ ಹಾಡು, ಬೀಗರನ್ನ ಗೋಳುಹೊಯ್ದುಕೊಳ್ಳೋ ಹಾಡು, ರಾಗಿ ಬೀಸೋ ಪದ... ಅಜ್ಜಿ ಅವರೆಕಾಯಿ ಸುಲಿಯುತ್ತಾ ಹೇಳೋರು, ಅಪ್ಪ ನುಡಿ ತಂತ್ರಾಂಶದಲ್ಲಿ ಒಂದೊಂದೇ ಅಕ್ಷರ ಕುಟ್ಟೋರು. ಒಟ್ಟು 63 ಹಾಡು. ಹೋದ ಕಾರ್ತೀಕದಲ್ಲಿ ಅಜ್ಜಿ ತೀರಿಕೊಂಡರು. ಹಾಡುಗಳು ಉಳಿದದ್ದು ಆ ಲ್ಯಾಪ್‌ಟಾಪಿನಲ್ಲಿ ಮಾತ್ರ. ಪೆನ್‌ಡ್ರೈವಿಗೆ ಹಾಕಿಡಿ ಅಂತ ನಾನು ನೂರು ಸಲ ಹೇಳಿದ್ದೆ. ಒಂದು ಸಲವೂ ಕೂತು ಹಾಕಿಕೊಡಲಿಲ್ಲ.

ಮೊನ್ನೆ ಲ್ಯಾಪ್‌ಟಾಪ್ ಆನ್ ಆಗಲಿಲ್ಲ. ರಿಪೇರಿ ಅಂಗಡಿಯವನು ಮದರ್‌ಬೋರ್ಡ್ ಬದಲಾಯಿಸಿಕೊಟ್ಟ. ಮನೆಗೆ ತಂದು ಆನ್ ಮಾಡಿದರೆ ನೀಲಿ ಪರದೆ, ಬಿಟ್‌ಲಾಕರ್ ರಿಕವರಿ ಕೀ ಕೊಡಿ ಅಂತ. ಅಪ್ಪ ಅಂಗಡಿಗೆ ವಾಪಸ್ ಹೋದರೆ ಅವನು, "ಸಾರ್, ಎಫ್‌ವಿಇ ಡಿಎಲ್‌ಎಲ್ ಹೋಗಿದೆ, ಫಾರ್ಮ್ಯಾಟ್ ಮಾಡ್ಬಿಡೋಣ" ಅಂದನಂತೆ. ಪುಣ್ಯಕ್ಕೆ ಅಪ್ಪ ನನಗೆ ಫೋನ್ ಮಾಡಿದ್ರು. "ಏನೂ ಮಾಡಿಸಬೇಡಿ, ಶನಿವಾರ ಬರ್ತೀನಿ" ಅಂದೆ.

ಈ ಎಫ್‌ವಿಇ ಅಂದ್ರೆ ಫುಲ್ ವಾಲ್ಯೂಮ್ ಎನ್‌ಕ್ರಿಪ್ಷನ್. ನಿಮ್ಮ ವಿಂಡೋಸ್ ಕಂಪ್ಯೂಟರಿನ ಸಿಸ್ಟಮ್32 ಫೋಲ್ಡರಿನಲ್ಲಿ ಹುಡುಕಿ ನೋಡಿ. ಎಫ್‌ವಿಇಎಪಿಐ.ಡಿಎಲ್‌ಎಲ್, ಎಫ್‌ವಿಇಯುಐ.ಡಿಎಲ್‌ಎಲ್, ಎಫ್‌ವಿಇಸರ್ಟ್ಸ್.ಡಿಎಲ್‌ಎಲ್ ಅಂತ ಒಂದು ಸಂಸಾರವೇ ಇದೆ. 2006ರ ಕೊನೆಗೆ ವಿಸ್ತಾ ಜೊತೆ ಬಿಟ್‌ಲಾಕರ್ ಬಂದಾಗ ಶುರುವಾದ ಸಂಸಾರ. ಇವು ಬೇರೆ ಪ್ರೋಗ್ರಾಮುಗಳಿಗೆ ಬೀಗದ ಹತ್ತಿರ ಮಾತಾಡಲು ದಾರಿ ಮಾಡಿಕೊಡೋ ಲೈಬ್ರರಿಗಳು. ಡಿಸ್ಕಿನಿಂದ ಓದುವಾಗ ಬಿಡಿಸಿ, ಬರೆಯುವಾಗ ಗೂಢಲಿಪಿ ಮಾಡೋ ನಿಜವಾದ ಕೆಲಸ ಎಫ್‌ವಿಇವಾಲ್.ಸಿಸ್ ಅನ್ನೋ ಡ್ರೈವರಿನದು. ಬೀಗದ ಕೈ ಈ ಯಾವ ಫೈಲಿನಲ್ಲೂ ಇರೋದಿಲ್ಲ. ಹಾಗಾಗಿ ಎಲ್ಲಿಂದಲೋ ಹೊಸ ಡಿಎಲ್‌ಎಲ್ ಇಳಿಸಿ ಹಾಕಿದರೆ ಬೀಗ ತೆಗೆಯೋದಿಲ್ಲ, ಜೊತೆಗೆ ವೈರಸ್ ಬಂದರೂ ಬರಬಹುದು. ಫೈಲೇ ನಿಜವಾಗಿ ಕೆಟ್ಟಿದ್ದರೆ ಎಸ್‌ಎಫ್‌ಸಿ ಸ್ಕ್ಯಾನ್‌ನೌ ಅಂತ ವಿಂಡೋಸ್‌ನದೇ ಕಮ್ಯಾಂಡ್ ಇದೆ.

ಹಾಗಾದ್ರೆ ಕೈ ಎಲ್ಲಿರುತ್ತೆ? ಡಿಸ್ಕನ್ನ ಗೂಢಲಿಪಿ ಮಾಡೋ ಕೀ ಒಂದು. ಅದನ್ನ ಮುಚ್ಚಿಡೋ ಇನ್ನೊಂದು ಕೀ. ಆ ಎರಡನೆಯದನ್ನ ತೆಗೆಯೋ ಗುಟ್ಟು ಮದರ್‌ಬೋರ್ಡಿನ ಟಿಪಿಎಂ ಅನ್ನೋ ಚಿಪ್ಪಿನ ಹತ್ತಿರ. ಅದಕ್ಕೇ ದಿನಾ ಕಂಪ್ಯೂಟರ್ ಆನ್ ಮಾಡುವಾಗ ನಮಗೆ ಏನೂ ಗೊತ್ತಾಗಲ್ಲ. ಮದರ್‌ಬೋರ್ಡ್ ಬದಲಾದರೆ ಚಿಪ್ ಬೇರೆ. ಹೊಸ ಚಿಪ್ಪಿಗೆ ಈ ಡಿಸ್ಕ್ ಯಾರೋ ಏನೋ. ಆಗ ಉಳಿಯೋ ದಾರಿ 48 ಅಂಕಿಯ ರಿಕವರಿ ಕೀ ಒಂದೇ. 2024ರ ಜುಲೈ 19ರಂದು ಕ್ರೌಡ್‌ಸ್ಟ್ರೈಕ್ ಅಪ್‌ಡೇಟಿನಿಂದ ಸುಮಾರು 85 ಲಕ್ಷ ವಿಂಡೋಸ್ ಕಂಪ್ಯೂಟರ್ ಬಿದ್ದವಲ್ಲ, ಆಗ ಎಷ್ಟೋ ಕಡೆ ರಿಪೇರಿಗೆ ಮೊದಲು ಈ 48 ಅಂಕಿಯನ್ನೇ ಹೊಡೆಯಬೇಕಾಗಿತ್ತು. ಅವತ್ತು ಆಫೀಸಿನಲ್ಲಿ ನಾನೂ ಬೆರಳು ಸವೆಸಿದ್ದೆ. ಆದರೆ ಅಪ್ಪನ ಲ್ಯಾಪ್‌ಟಾಪಿಗೂ ಇಂಥದೊಂದು ಬೀಗ ಇದೆ ಅನ್ನೋದು ತಲೆಗೇ ಬರಲಿಲ್ಲ ನೋಡಿ.

ಮನೆ ಲ್ಯಾಪ್‌ಟಾಪಿನಲ್ಲಿ ಈ ಕೀ ಸಾಮಾನ್ಯವಾಗಿ ಮೈಕ್ರೋಸಾಫ್ಟ್ ಖಾತೆಗೆ ಹೋಗಿ ಕೂತಿರುತ್ತೆ. ಆ ಖಾತೆ ಮಾಡಿದ್ದು ನಾನೇ, ಬೆಂಗಳೂರಿಗೆ ರೈಲು ಹಿಡಿಯೋ ಗಡಿಬಿಡಿಯಲ್ಲಿ. ಪಾಸ್‌ವರ್ಡ್ ನೆನಪಿಲ್ಲ. ಕೊಟ್ಟ ಫೋನ್ ನಂಬರ್ ಬಿಟ್ಟು ವರ್ಷವಾಯ್ತು. ಶನಿವಾರ ರಾತ್ರಿ ಎರಡು ಗಂಟೆವರೆಗೆ ಒದ್ದಾಡಿದೆ. ಎಸ್‌ಎಸ್‌ಡಿ ಬಿಚ್ಚಿ ನನ್ನ ಲ್ಯಾಪ್‌ಟಾಪಿಗೆ ಹಾಕಿದೆ. ಡ್ರೈವಿನ ಮೇಲೆ ಒಂದು ಪುಟ್ಟ ಬೀಗದ ಚಿತ್ರ, ಅಷ್ಟೇ. ಏಇಎಸ್ ಮುರಿಯೋದು ನನ್ನ ಕೈಲಿ ಆಗೋ ಕೆಲಸವಲ್ಲ ಅಂತ ಗೊತ್ತಿತ್ತು. ಆದರೂ ನಾನು ಕಂಪ್ಯೂಟರ್ ಇಂಜಿನಿಯರ್ ಅಂತ ಬೀದಿಗೆಲ್ಲ ಹೇಳಿಕೊಂಡಿರೋ ಅಪ್ಪನಿಗೆ ಹೇಗೆ ಹೇಳಲಿ?

ಬೆಳಿಗ್ಗೆ ಕಾಫಿ ಕುಡಿಯುತ್ತಾ ಹೇಳಿಬಿಟ್ಟೆ. "ಹಾಡುಗಳು ಹೋದವು ಅಪ್ಪ. ತಪ್ಪು ನನ್ನದೇ."

ಅಪ್ಪ ಸ್ವಲ್ಪ ಹೊತ್ತು ಸುಮ್ಮನಿದ್ರು. ಆಮೇಲೆ "ಅವತ್ತು ಏನೋ ಉದ್ದದ ನಂಬರ್ ಬರಕೊಳಿ ಅಂದಿದ್ದೆಯಲ್ಲೋ, ಅದೇನಾ?" ಅಂದ್ರು.

ಹೇಳಿದ್ದೆನಂತೆ! ನನಗೆ ಚೂರೂ ನೆನಪಿಲ್ಲ. ಪರದೆ ಮೇಲೆ ಕೀ ತೆಗೆದು ತೋರಿಸಿ, ಬರಕೊಳಿ ಅಂತ ಬಾಯಿ ಮಾತಿಗೆ ಹೇಳಿ, ಬ್ಯಾಗ್ ತುಂಬಿಕೊಳ್ಳೋಕೆ ಎದ್ದು ಹೋಗಿದ್ದೆನಂತೆ. ಅಪ್ಪ ಹಾಲಿನ ಲೆಕ್ಕದ ಪುಸ್ತಕ ತಂದ್ರು. ಕೊನೇ ಪುಟದಲ್ಲಿ ಕರೆಂಟಿನ ಆರ್.ಆರ್. ನಂಬರ್, ಗ್ಯಾಸಿನ ಕನ್ಸ್ಯೂಮರ್ ನಂಬರ್, ಅದರ ಕೆಳಗೆ "ಕಂಪ್ಯೂಟರ್ ಬೀಗ" ಅಂತ ಬರೆದು ಎಂಟು ಸಾಲು. ಎಲ್ಲಾ ಕನ್ನಡ ಅಂಕಿಗಳಲ್ಲಿ!

ಇಂಗ್ಲಿಷ್ ಮೀಡಿಯಮ್ಮಿನ ನಾನು ಬಸ್ಸಿನ ನಂಬರ್ ಓದುವಷ್ಟು ಮಾತ್ರ ಕನ್ನಡ ಅಂಕಿ ಬಲ್ಲೆ. ತಿಣುಕಾಡಿ ಟೈಪ್ ಮಾಡಿದೆ. ತಪ್ಪು ಅಂತು. ಇನ್ನೊಂದು ಸಲ. ಮತ್ತೆ ತಪ್ಪು. ಕೈ ನಡುಗೋಕೆ ಶುರುವಾಯ್ತು.

ಅಪ್ಪ ಪಕ್ಕದಲ್ಲಿ ಕೂತು, "ಆರಾರು ಅಂಕಿ ಗುಂಪು ಮಾಡಿದ್ದಾರೆ. ತಾಳೆ ನೋಡೋಕೆ ಏನೂ ಇಟ್ಟಿಲ್ವೇನೋ?" ಅಂತ ಕೇಳಿದ್ರು. ಹುಡುಕಿದೆ. ಇಟ್ಟಿದ್ದಾರೆ! ಪ್ರತಿ ಗುಂಪೂ 16 ಬಿಟ್‌ನ ಒಂದು ಸಂಖ್ಯೆಯನ್ನ 11ರಿಂದ ಗುಣಿಸಿದ್ದು. ಎಂಟು ಗುಂಪು ಸೇರಿದರೆ 128 ಬಿಟ್. ಅಂದ್ರೆ ಪ್ರತಿ ಗುಂಪೂ 11ರಿಂದ ಶೇಷವಿಲ್ಲದೆ ಭಾಗ ಹೋಗಲೇಬೇಕು. ಹೋಗದಿದ್ದರೆ ತಪ್ಪು ಆ ಗುಂಪಿನಲ್ಲೇ ಇದೆ.

"ಹನ್ನೊಂದಾ?" ಅಪ್ಪನ ಮುಖ ಅರಳಿತು. ಕ್ಯಾಲ್ಕುಲೇಟರ್ ತೆಗೆಯೋಕೆ ಹೋದ ನನ್ನ ಕೈ ಮೇಲೆ ಒಂದು ಏಟು ಬಿತ್ತು. ಒಂದು ಬಿಟ್ಟು ಒಂದು ಅಂಕಿ ಕೂಡು, ಉಳಿದವನ್ನ ಬೇರೆ ಕೂಡು, ವ್ಯತ್ಯಾಸ ಸೊನ್ನೆ ಅಥವಾ 11ರ ಗುಣಕ ಬರಬೇಕು. ನಾನು ಟೈಪ್ ಮಾಡಿದ್ದನ್ನ ಒಂದೊಂದೇ ಗುಂಪು ಓದಿಸಿದ್ರು. ಐದನೇ ಗುಂಪಿನಲ್ಲಿ ಸಿಕ್ಕಿಬಿದ್ದೆ. ನಿಜವಾದ ಕೀ ಇಲ್ಲಿ ಹಾಕಲ್ಲ, ಅಂಕಿ ಬದಲಾಯಿಸಿ ಹೇಳ್ತೀನಿ. ನಾನು ಓದಿದ್ದು 419823. ನಾಲ್ಕು, ಒಂಬತ್ತು, ಎರಡು ಕೂಡಿದರೆ 15. ಒಂದು, ಎಂಟು, ಮೂರು ಕೂಡಿದರೆ 12. ವ್ಯತ್ಯಾಸ 3. ಪುಸ್ತಕದಲ್ಲಿದ್ದದ್ದು ೪೧೬೮೨೩. ಅಪ್ಪನ ೬ನ್ನ ನಾನು ೯ ಅಂತ ಓದಿದ್ದೆ! ಆರು ಹಾಕಿದರೆ ಎರಡು ಕಡೆಯೂ 12, ವ್ಯತ್ಯಾಸ ಸೊನ್ನೆ.

"ಎಂಟನೇ ಕ್ಲಾಸಿನ ಲೆಕ್ಕ ಕಣೋ ಇದು" ಅಂದ್ರು. ಸರಿಮಾಡಿ ಎಂಟರ್ ಒತ್ತಿದೆ. ಬೀಗ ತೆರೆಯಿತು.

ಕಥೆ ಇಲ್ಲಿಗೆ ಮುಗಿದಿದ್ದರೆ ಚೆನ್ನಾಗಿತ್ತು. ಫೈಲ್ ತೆಗೆದರೆ ಒಂದು ಕನ್ನಡ ಅಕ್ಷರವೂ ಇಲ್ಲ, ಪುಟದ ತುಂಬಾ ತಲೆಬುಡವಿಲ್ಲದ ರೋಮನ್ ಅಕ್ಷರಗಳು. ನನ್ನ ಎದೆ ಧಸಕ್ಕೆಂದಿತು. ಅಪ್ಪ ಶಾಂತವಾಗಿ, "ಅದು ನುಡಿ ಫಾಂಟು. ನಿನ್ನ ಮಿಷನ್ನಿನಲ್ಲಿ ಇಲ್ಲ" ಅಂದ್ರು. ಹೌದಲ್ಲ! ಯೂನಿಕೋಡ್ ಬರೋಕೆ ಮುಂಚೆ ಕನ್ನಡದ ಫೈಲುಗಳಿಗೆಲ್ಲ ಇಂಥದೊಂದು ಬೀಗ ಇದ್ದೇ ಇತ್ತು, ಫಾಂಟ್ ಇದ್ದವರಿಗೆ ಮಾತ್ರ ಓದೋಕೆ ಆಗೋದು. ಎಲ್ಲವನ್ನೂ ಯೂನಿಕೋಡಿಗೆ ಪರಿವರ್ತಿಸಿ, ಮೂರು ಕಡೆ ಕಾಪಿ ಮಾಡಿ, ಒಂದು ಪ್ರತಿ ಪ್ರಿಂಟ್ ತೆಗೆಸಿದೆ. ಸಂಜೆ ಅಮ್ಮ ಅದನ್ನ ಹಿಡಕೊಂಡು ಬೀಗರ ಹಾಡೊಂದನ್ನ ಅಜ್ಜಿಯ ಧಾಟಿಯಲ್ಲೇ ಹೇಳಿದ್ರು. ಅಪ್ಪ ಕಿಟಕಿ ಕಡೆ ಮುಖ ಮಾಡಿ ಕೂತಿದ್ರು.

ಬಿಟ್‌ಲಾಕರ್ ಕೆಟ್ಟದ್ದು ಅಂತ ನಾನು ಹೇಳ್ತಿಲ್ಲ. ಲ್ಯಾಪ್‌ಟಾಪ್ ಬಸ್ಸಿನಲ್ಲಿ ಕಳೆದುಹೋದರೆ ಕಾಪಾಡೋದು ಅದೇ. ಆದರೆ ಬೀಗ ಇದೆ ಅನ್ನೋದು ಮನೆಯವರಿಗೆ ಗೊತ್ತಿರಬೇಕಲ್ವಾ? 2024ರಲ್ಲಿ ಬಂದ ವಿಂಡೋಸ್ 11ರ 24ಎಚ್2 ಆವೃತ್ತಿಯಿಂದೀಚೆಗೆ ಹೊಸದಾಗಿ ಇನ್‌ಸ್ಟಾಲ್ ಮಾಡಿದ ಇನ್ನೂ ಹೆಚ್ಚು ಕಂಪ್ಯೂಟರುಗಳಲ್ಲಿ ಈ ಬೀಗ ತಾನಾಗಿಯೇ ಬೀಳುತ್ತೆ. ನಿಮ್ಮ ಅಪ್ಪ ಅಮ್ಮನ ಕಂಪ್ಯೂಟರಿನಲ್ಲಿ ಒಂದು ಸಲ ನೋಡಿ. ಕೀ ತೆಗೆದು ಕಾಗದದಲ್ಲಿ ಬರೆದು ಬೀರುವಿನಲ್ಲಿಡಿ. ಲ್ಯಾಪ್‌ಟಾಪ್ ಬ್ಯಾಗಿನಲ್ಲಿ ಮಾತ್ರ ಇಡಬೇಡಿ!

ಅಂದ ಹಾಗೆ, ನಾನೀಗ ದಿನಾ ಕನ್ನಡ ಅಂಕಿ ಕಾಪಿ ಬರೀತಿದ್ದೀನಿ. ಅಪ್ಪನ ಆಜ್ಞೆ. ೬ ಇನ್ನೂ ಸರಿಯಾಗಿ ಬರ್ತಿಲ್ಲ :)