ನೇತಾಡುವ ನೆಂಟರು

ಮೈಸೂರಿನಿಂದ ಶ್ರೀರಂಗಪಟ್ಟಣದ ಕಡೆಗೆ ಹೊರಟ ಕುಟುಂಬಗಳು ದಾರಿಯಲ್ಲಿ ರಂಗನತಿಟ್ಟಿಗೆ ತಿರುಗುವುದು ಹಕ್ಕಿಗಳನ್ನು ಕಾಣಲೆಂದು. ಹದಿನೇಳನೆಯ ಶತಮಾನದ ನಡುಗಾಲದಲ್ಲಿ, ಕಂಠೀರವ ನರಸರಾಜ ಒಡೆಯರ ಆಳ್ವಿಕೆಯಲ್ಲಿ, ಕಾವೇರಿಗೆ ಅಡ್ಡಲಾಗಿ ಕಟ್ಟಿದ ಕಟ್ಟೆಯಿಂದ ನೀರು ಹರಡಿಕೊಂಡು, ನಡುವೆ ಉಳಿದ ನೆಲವೆಲ್ಲ ತಿಟ್ಟುಗಳಾಯಿತು. ಆ ತಿಟ್ಟುಗಳಲ್ಲಿ ಗೂಡು ಕಟ್ಟುವ ಪಕ್ಷಿಸಂಕುಲವನ್ನು ಕಂಡು ಸಲೀಂ ಅಲಿಯವರು ಇತ್ತ ಸಲಹೆಯ ಮೇರೆಗೆ ಮೈಸೂರು ಸಂಸ್ಥಾನವು 1940ರಲ್ಲಿ ಅದನ್ನು ಪಕ್ಷಿಧಾಮವೆಂದು ಸಾರಿತು. ಅಂದಿನಿಂದ ಇಂದಿನವರೆಗೂ ದೋಣಿಯೇರಿದವರ ಕಣ್ಣು ಮೊದಲು ಅರಸುವುದು ಕೊಕ್ಕರೆಗಳನ್ನು, ಆಮೇಲೆ ಬಂಡೆಯ ಮೇಲೆ ಬಾಯ್ದೆರೆದು ಮಲಗಿದ ಮೊಸಳೆಯನ್ನು.

ಆದರೆ ದೋಣಿ ಒಂದು ತಿರುವನ್ನು ದಾಟುತ್ತಲೇ ಮಕ್ಕಳಲ್ಲಿ ಯಾರಾದರೊಬ್ಬರು ತಲೆಯೆತ್ತಿ ಕೇಳಿಯೇ ಕೇಳುತ್ತಾರೆ:

"ಅದೇನು, ಮರದ ತುಂಬ ಕರೀ ಹಣ್ಣು ಬಿಟ್ಟಿದೆಯಲ್ಲ?"

"ಹಣ್ಣಲ್ಲ ಮಗಾ, ಬಾವಲಿ," ಎನ್ನುತ್ತಾನೆ ಅಂಬಿಗ, ಹುಟ್ಟನ್ನು ನಿಲ್ಲಿಸದೆ.

ಆ ಮಾತಿಗೆ ದೋಣಿಯಲ್ಲಿದ್ದ ಹಿರಿಯರು ಮುಖ ಸಿಂಡರಿಸುತ್ತಾರೆ; ಒಬ್ಬಿಬ್ಬರು ಸೆರಗನ್ನು ಮೂಗಿಗೆ ಒತ್ತಿಕೊಳ್ಳುತ್ತಾರೆ. ಬಾವಲಿಯೆಂಬ ಹೆಸರಿಗೆ ಹಾಳುಗುಡಿ, ಪಾಳುಮನೆ, ಅಪಶಕುನ ಎಲ್ಲವೂ ಅಂಟಿಕೊಂಡಿವೆ. ಬಾವಲಿಯ ಮನೆಗೆ ಬಾವಲಿ ನೆಂಟನಾಗಿ ಬಂದರೆ ಇಬ್ಬರೂ ಜೋತುಬೀಳುವುದೇ ಆತಿಥ್ಯವೆಂದು ಗಾದೆ ಹಾಸ್ಯಮಾಡುತ್ತದೆ. ಆದರೆ ಆ ನೆಂಟಸ್ತಿಕೆ ಎಂಥದು, ಯಾವ ಬಾವಲಿಗೆ ಯಾವುದು ನೆಂಟ ಎಂಬುದನ್ನು ವಿಚಾರಿಸಿದವರು ಕಡಿಮೆ. ಅದನ್ನು ತಿಳಿಯಬೇಕಾದರೆ ಕನ್ನಡನಾಡಿನ ಮೂರು ತಾಣಗಳನ್ನು ಸುತ್ತಿ ಬರಬೇಕು. ಕಾವೇರಿಯ ಈ ತಿಟ್ಟು ಮೊದಲನೆಯದು. ಕೋಲಾರದ ಒಂದು ಕಲ್ಲುಗುಡ್ಡ ಎರಡನೆಯದು. ಬೆಳಗಾವಿಯ ಕಾಡಿನ ಒಂದು ಗವಿ ಮೂರನೆಯದು.

ರಂಗನತಿಟ್ಟಿನ ಮರಗಳಲ್ಲಿ ಜೋತುಬಿದ್ದಿರುವುದು ಹಣ್ಣುತಿನ್ನುವ ದೊಡ್ಡ ಬಾವಲಿ. ಇಂಗ್ಲಿಷರು ಇದನ್ನು 'ಹಾರುವ ನರಿ' ಎಂದು ಕರೆದದ್ದು ಅನುಚಿತವೇನಲ್ಲ. ಚೂಪಾದ ಮೂತಿ, ನೆಟ್ಟಗಿನ ಸಣ್ಣ ಕಿವಿ, ಹೊಳೆಯುವ ದೊಡ್ಡ ಕಣ್ಣು, ಕತ್ತಿನ ಸುತ್ತ ಕೆಂಗಂದು ತುಪ್ಪಳ: ರೆಕ್ಕೆಯನ್ನು ಮರೆತು ನೋಡಿದರೆ ಪುಟ್ಟ ನರಿಯ ಮುಖವೇ. ರೆಕ್ಕೆ ಬಿಚ್ಚಿದಾಗ ಮಾತ್ರ ಒಂದು ತುದಿಯಿಂದ ಇನ್ನೊಂದು ತುದಿಗೆ ನಾಲ್ಕು ಅಡಿಯ ಮೇಲಾಗುತ್ತದೆ. ತೂಕ ಒಂದು ಕಿಲೋಗ್ರಾಮನ್ನು ಮೀರುವುದುಂಟು. ಭಾರತದ ಬಾವಲಿಗಳಲ್ಲಿ ಇದಕ್ಕಿಂತ ದೊಡ್ಡದಿಲ್ಲ. ಆ ರೆಕ್ಕೆಯಾದರೂ ಹಕ್ಕಿಯ ರೆಕ್ಕೆಯಂಥದಲ್ಲ. ಅದೊಂದು ಕೈ. ನೀಳವಾಗಿ ಬೆಳೆದ ನಾಲ್ಕು ಬೆರಳುಗಳ ನಡುವೆ ತೆಳ್ಳನೆಯ ತೊಗಲನ್ನು ಬಿಗಿದಂತೆ ಇದೆ. ಹೆಬ್ಬೆರಳು ಮಾತ್ರ ಕೊಕ್ಕೆಯಂತೆ ಹೊರಗೆ ಉಳಿದಿದೆ. 1758ರಲ್ಲಿ ಜೀವಿಗಳನ್ನು ವರ್ಗೀಕರಿಸಿದ ಲಿನೇಯಸ್ ಬಾವಲಿಗಳನ್ನು ಮನುಷ್ಯನೂ ಕೋತಿಯೂ ಇರುವ ಗುಂಪಿಗೇ ಸೇರಿಸಿದ್ದನು. ಆ ಲೆಕ್ಕ ಮುಂದೆ ತಿದ್ದಲ್ಪಟ್ಟಿತು. ಬಾವಲಿಗಳಿಗೆ ಅವುಗಳದೇ ಆದ ಗಣ ದೊರೆಯಿತು.

ಹಗಲಿನಲ್ಲಿ ಈ ಮರದ ಸಂಸಾರವನ್ನು ನೋಡುತ್ತ ಕುಳಿತರೆ ಬೇಸರವಾಗದು. ಬಿಸಿಲೇರಿದಂತೆ ಒಂದೊಂದೂ ರೆಕ್ಕೆಯನ್ನು ಬೀಸಣಿಗೆಯಾಗಿ ಬೀಸಿಕೊಳ್ಳುತ್ತದೆ; ನಾಲಿಗೆಯಿಂದ ಮೈ ನೆಕ್ಕಿ ತಂಪು ಮಾಡಿಕೊಳ್ಳುತ್ತದೆ. ಒಳ್ಳೆಯ ಕೊಂಬೆಗಾಗಿ ಜಗಳ, ಚೀರಾಟ ಎಡೆಬಿಡದೆ ನಡೆದಿರುತ್ತವೆ. ಮೂತ್ರಬಾಧೆಯಾದಾಗ ಮೈಯನ್ನು ತಿರುಗಿಸಿ, ಹೆಬ್ಬೆರಳಿನ ಕೊಕ್ಕೆಗಳಿಂದ ನೇತು, ತಲೆಯನ್ನು ಮೇಲುಮಾಡಿಕೊಳ್ಳುವ ಶುಚಿತ್ವವೂ ಅವಕ್ಕಿದೆ. ತಾಯಿ ಹೆರುವುದು ವರ್ಷಕ್ಕೆ ಒಂದೇ ಮರಿಯನ್ನು. ಮೊದಲ ಕೆಲವು ವಾರ ಆ ಮರಿ ಎದೆಗೆ ಕಚ್ಚಿಕೊಂಡೇ ಆಕೆಯೊಡನೆ ರಾತ್ರಿಯ ಹಾರಾಟಕ್ಕೂ ಹೋಗುತ್ತದೆ. ಸೂರ್ಯ ಮುಳುಗಿ ಕಾವೇರಿಯ ನೀರು ಮಸುಕಾದಾಗ ಗುಂಪು ಎದ್ದು ಆಕಾಶಕ್ಕೆ ಹೊರಡುತ್ತದೆ. ಕೆಲವು ನೀರಿನ ಮೇಲ್ಮೈಗೆ ಎದೆ ಸೋಕಿಸಿ ಹಾರಿ, ಒದ್ದೆಯಾದ ತುಪ್ಪಳವನ್ನು ಆಮೇಲೆ ನೆಕ್ಕಿ ಬಾಯಾರಿಕೆ ಕಳೆದುಕೊಳ್ಳುತ್ತವೆ.

ರಾತ್ರಿಯಲ್ಲಿ ಅವುಗಳಿಗೆ ದಾರಿ ತೋರುವುದು ಕಣ್ಣು ಮತ್ತು ಮೂಗು. ಆಲ, ಅತ್ತಿ, ಹಿಪ್ಪೆ, ನೇರಳೆ, ಬಾದಾಮಿ ಮರಗಳನ್ನು ಅವು ಕಂಡೂ ಮೂಸಿಯೂ ಹುಡುಕುತ್ತವೆ. ಹಣ್ಣನ್ನು ಅಗಿದು ರಸವನ್ನು ಹೀರಿ, ನಾರನ್ನು ಉಂಡೆಮಾಡಿ ಉಗುಳುತ್ತವೆ. ಆಲ ಅತ್ತಿಗಳ ಸಣ್ಣ ಬೀಜ ಹೊಟ್ಟೆಯೊಳಗೆ ಪಯಣಿಸಿ ಮೈಲಿಗಟ್ಟಲೆ ಆಚೆ ಬೀಳುತ್ತದೆ. ದೊಡ್ಡ ಬೀಜದ ಹಣ್ಣು ಬಾಯಲ್ಲಿ ಕಚ್ಚಿ ಒಯ್ದಲ್ಲಿ ಬೀಳುತ್ತದೆ. ಹಿಪ್ಪೆಯ ಹೂವಿಗೆ ಮುಖವಿಟ್ಟಾಗ ಪರಾಗ ಮೂತಿಗೆ ಅಂಟಿ ಮುಂದಿನ ಮರಕ್ಕೆ ಸಾಗುತ್ತದೆ. ತೋಟದ ಮಾವು ಸೀಬೆಗಳಿಗೂ ಅವು ಬಾಯಿ ಹಾಕುವುದು ನಿಜ. ರೈತನ ಕೋಪಕ್ಕೆ ಕಾರಣವಿಲ್ಲದಿಲ್ಲ. ಆದರೆ ಅದೇ ರೈತನ ಬದುವಿನಲ್ಲಿ ಯಾರೂ ನೆಡದೆ ಬೆಳೆದ ಅತ್ತಿಯ ಮರಕ್ಕೆ ಬಿತ್ತಿದವರಾರೆಂದು ಯಾರೂ ಕೇಳುವುದಿಲ್ಲ.

ಎರಡನೆಯ ತಾಣಕ್ಕೆ ಬೆಂಗಳೂರನ್ನು ದಾಟಿ ಮೂಡಲಿಗೆ ಹೋಗಬೇಕು. ಕೋಲಾರ ಜಿಲ್ಲೆಯ ಹನುಮನಹಳ್ಳಿಯ ಬಳಿ ಹೆಬ್ಬಂಡೆಗಳ ಗುಡ್ಡ. ಆ ಬಂಡೆಗಳ ಕೆಳಗೆ ಒಂದು ಕಿರಿದಾದ ಗವಿ. ಒಳಗೆ ಕೋಲಾರದ ಎಲೆಮೂಗಿನ ಬಾವಲಿ. ರಂಗನತಿಟ್ಟಿನ ದೈತ್ಯನನ್ನು ಕಂಡು ಬಂದವರಿಗೆ ಇದೂ ಬಾವಲಿಯೆಂದು ನಂಬುವುದು ಕಷ್ಟ. ಮೈ ಮನುಷ್ಯನ ಹೆಬ್ಬೆರಳಿನಷ್ಟು. ಕಣ್ಣು ಸಾಸಿವೆಯಂತೆ. ಮೂಗಿನ ಮೇಲೆ ಮಡಿಕೆ ಮಡಿಕೆಯಾಗಿ ಎಲೆಯಂಥ ತೊಗಲು. ಹಣ್ಣು ಇದಕ್ಕೆ ಬೇಡ. ಕತ್ತಲಲ್ಲಿ ಹಾರುವ ಹುಳುಹುಪ್ಪಟೆಗಳೇ ಇದರ ಆಹಾರ.

ಆ ಎಲೆಮೂಗು ಕುರೂಪವೆಂದು ಕಂಡರೂ ನಿರರ್ಥಕವಲ್ಲ. ಈ ಬಾವಲಿ ಗಂಟಲಿನಿಂದ ಹೊರಡಿಸುವ ದನಿ ಮೂಗಿನಿಂದ ಹೊರಬೀಳುತ್ತದೆ. ಎಲೆಯಂಥ ತೊಗಲು ಅದನ್ನು ಕೂಡಿಸಿ ಮುಂದಕ್ಕೆ ಬಿಡುತ್ತದೆ. ಎದುರಿನ ಪತಂಗಕ್ಕೆ ತಾಕಿ ಮರಳಿದ ಮಾರ್ದನಿಯಿಂದ ಅದರ ದೂರ, ದಿಕ್ಕು, ರೆಕ್ಕೆಬಡಿತ ಎಲ್ಲವೂ ತಿಳಿಯುತ್ತವೆ. ಮನುಷ್ಯನ ಕಿವಿ ಸೆಕೆಂಡಿಗೆ 20,000 ಕಂಪನಗಳವರೆಗಿನ ದನಿಯನ್ನಷ್ಟೇ ಹಿಡಿಯಬಲ್ಲುದು. ಈ ಪುಟ್ಟ ಪ್ರಾಣಿಯ ಕೂಗು 1 ಲಕ್ಷ ಕಂಪನಗಳನ್ನು ಮೀರಿದ್ದು. ಆದುದರಿಂದ ಗವಿಯ ಬಾಯಲ್ಲಿ ನಿಂತವನಿಗೆ ಎಲ್ಲವೂ ನಿಶ್ಶಬ್ದ. ಈ ರಹಸ್ಯ ಬಯಲಾದುದೂ ತಡವಾಗಿಯೇ. ಕುರುಡು ಬಾವಲಿ ದಾರಿ ಕಾಣುತ್ತದೆ, ಕಿವಿ ಮುಚ್ಚಿದ ಬಾವಲಿ ಕಾಣದು ಎಂಬುದು 1790ರ ದಶಕದಲ್ಲೇ ಇಟಲಿಯ ಸ್ಪಲ್ಲಂಜಾನಿಯ ಪ್ರಯೋಗಗಳಿಂದ ಹೊರಪಟ್ಟಿತ್ತು. ಅದಕ್ಕೆ ಕಾರಣವಾದ ಕೇಳದ ದನಿಯನ್ನು ಅಮೆರಿಕದ ಡೊನಾಲ್ಡ್ ಗ್ರಿಫಿನ್ ಯಂತ್ರದ ಮೂಲಕ ಗುರುತಿಸಿದುದು 1938ರಲ್ಲಿ. ರಂಗನತಿಟ್ಟಿನ ದೊಡ್ಡ ಬಾವಲಿಗೆ ಈ ವಿದ್ಯೆ ತಿಳಿಯದು.

ಈ ಜಾತಿಗೆ ವಿಜ್ಞಾನದಲ್ಲಿ ಹೆಸರು ದೊರೆತದ್ದು 1994ರಲ್ಲಿ. ಆಗ ಇದು ಹನುಮನಹಳ್ಳಿಯಲ್ಲಿಯೂ ತೇರಹಳ್ಳಿಯಲ್ಲಿಯೂ ಕಂಡಿತ್ತು. ಮುಂದೆ ತೇರಹಳ್ಳಿಯಲ್ಲಿ ಇಲ್ಲವಾಯಿತು. 2016ರಲ್ಲಿ ಅಂತರರಾಷ್ಟ್ರೀಯ ಸಂರಕ್ಷಣಾ ಒಕ್ಕೂಟವು ಇದನ್ನು ಅತಿ ಗಂಡಾಂತರದಲ್ಲಿರುವ ಜೀವಿಗಳ ಸಾಲಿಗೆ ಸೇರಿಸಿದಾಗ, ತಿಳಿದಿದ್ದ ಒಟ್ಟು ಸಂಖ್ಯೆ ಇನ್ನೂರರ ಒಳಗಿತ್ತು. ಬೇಟೆಗಾರರ ಹಾವಳಿಯಿಂದ ಈ ಸ್ಥಿತಿ ಬಂದದ್ದಲ್ಲ. ಬಂಡೆಯೇ ಇದರ ಮನೆ. ಆ ಬಂಡೆಗೆ ಪೇಟೆಯಲ್ಲಿ ಬೆಲೆ ಬಂದಿತು. ಗ್ರಾನೈಟಿಗಾಗಿ ಸಿಡಿಮದ್ದು ಇಟ್ಟಲ್ಲೆಲ್ಲ ನೆಲದಡಿಯ ಗವಿಗಳು ಕುಸಿದವು. ಊರಿನ ಹೊಸ ಮನೆಯ ನುಣುಪಾದ ಅಡುಗೆಕಟ್ಟೆಯನ್ನು ಒರೆಸುವ ಗೃಹಿಣಿಗೆ ಆ ಕಲ್ಲಿನೊಳಗೆ ಯಾರಾದರೂ ವಾಸವಾಗಿದ್ದರೇ ಎಂಬ ಶಂಕೆ ಬರಲು ಅವಕಾಶವೇ ಇಲ್ಲ. ಅರಣ್ಯ ಇಲಾಖೆಯೂ ಬಾವಲಿಗಳ ರಕ್ಷಣೆಗೆ ನಿಂತವರೂ ಉಳಿದ ಗವಿಯನ್ನು ಕಾಪಾಡುವ ಯತ್ನ ನಡೆಸಿದ್ದಾರೆ.

ಮೂರನೆಯ ತಾಣ ನಾಡಿನ ಇನ್ನೊಂದು ಅಂಚಿನಲ್ಲಿದೆ. ಬೆಳಗಾವಿ ಜಿಲ್ಲೆಯ ಖಾನಾಪುರ ತಾಲ್ಲೂಕಿನ ದಟ್ಟಡವಿಯಲ್ಲಿ, ತಳೇವಾಡಿಯ ಸಮೀಪ, ಬಾರಾಪೇಡೆ ಎಂಬ ಗವಿ. ಮುಂಬಯಿಯ ಪ್ರಕೃತಿ ಇತಿಹಾಸ ಸಂಘವು ಸಸ್ತನಿಗಳ ಸಮೀಕ್ಷೆ ನಡೆಸಿದ್ದ ಕಾಲದಲ್ಲಿ ಪ್ರೇಟರ್ ಎಂಬ ತರುಣ ಇಲ್ಲಿ ಒಂದು ಹೊಸ ಬಾವಲಿಯನ್ನು ಕಂಡನು. 1913ರಲ್ಲಿ ಓಲ್ಡ್‌ಫೀಲ್ಡ್ ಥಾಮಸ್ ಅದಕ್ಕೆ ರಾಟನ್ನನ ಹೆಸರಿಟ್ಟನು. ಮುಖದ ಮೇಲೆ ಟೋಪಿಯಂತೆ ಚಾಚಿದ ದೊಡ್ಡ ಕಿವಿ, ತೊಗಲಿನಿಂದ ಹೊರಗೆ ಬಿಡಿಯಾಗಿ ನಿಂತ ಬಾಲ, ವೇಗದ ಹಾರಾಟಕ್ಕೆ ಹೇಳಿಸಿದ ಕಿರಿದಗಲದ ನೀಳ ರೆಕ್ಕೆ. ಇದೂ ಹುಳುಗಳನ್ನೇ ತಿನ್ನುತ್ತದೆ, ಇದೂ ಮಾರ್ದನಿಯನ್ನೇ ನಂಬಿದೆ. ಸುಮಾರು ಎಂಬತ್ತೈದು ವರ್ಷ ಈ ಒಂದು ಗವಿಯ ಹೊರತು ಜಗತ್ತಿನಲ್ಲಿ ಬೇರೆಲ್ಲೂ ಇದು ಕಂಡಿರಲಿಲ್ಲ. ಆಮೇಲೆ ಮೇಘಾಲಯದಲ್ಲಿಯೂ ಕಾಂಬೋಡಿಯದಲ್ಲಿಯೂ ಇದರ ಇರವು ತಿಳಿಯಿತು. ಈ ಸೀಮೆಯ ಕಾಡು 2011ರಲ್ಲಿ ಭೀಮಗಡ ವನ್ಯಧಾಮವಾಯಿತು.

ಈಗ ನೆಂಟಸ್ತಿಕೆಯ ಪ್ರಶ್ನೆ. ಮೂರನ್ನೂ ಕಂಡವರು ಏನೆನ್ನುವರು? ಗವಿಯಲ್ಲಿರುವ, ಹುಳು ತಿನ್ನುವ, ಮಾರ್ದನಿ ಕೇಳುವ ಕೋಲಾರ ಬೆಳಗಾವಿಗಳ ಕಿರಿಯರಿಬ್ಬರೂ ದಾಯಾದಿಗಳು. ರಂಗನತಿಟ್ಟಿನ ದೊಡ್ಡದು ದೂರದ ಬಳಗ. ವಿದ್ವಾಂಸರೂ ಬಹುಕಾಲ ಹೀಗೆಯೇ ತಿಳಿದು ಬಾವಲಿಗಳನ್ನು ಹಿರಿಯವು, ಕಿರಿಯವು ಎಂದು ಎರಡು ಪಾಲು ಮಾಡಿದ್ದರು. ಇಪ್ಪತ್ತೊಂದನೆಯ ಶತಮಾನದ ಆರಂಭದ ವರ್ಷಗಳಲ್ಲಿ ರಕ್ತಸಂಬಂಧವನ್ನೇ ಒರೆಗೆ ಹಚ್ಚುವ ಜೀನುಗಳ ಪರೀಕ್ಷೆ ನಡೆದಾಗ ಆ ವಂಶಾವಳಿ ತಲೆಕೆಳಗಾಯಿತು. ಎಲೆಮೂಗಿನ ಬಾವಲಿಗಳು ಹಣ್ಣುಬಾವಲಿಗಳ ಕವಲಿಗೇ ಸೇರಿದವು. ಬಿಡಿಬಾಲದವು ಇನ್ನೊಂದು ಕವಲಿಗೆ. ಅಂದರೆ ಹನುಮನಹಳ್ಳಿಯ ಹೆಬ್ಬೆರಳುಗಾತ್ರದ ಪ್ರಾಣಿಗೆ ಹತ್ತಿರದ ನೆಂಟ ಬಾರಾಪೇಡೆಯದಲ್ಲ, ಕಾವೇರಿಯ ಹಾರುವ ನರಿ.

ರೂಪವನ್ನು ನೋಡಿ ಲೆಕ್ಕ ತಪ್ಪಿದವರು ವಿಜ್ಞಾನಿಗಳು ಮಾತ್ರವಲ್ಲ. ಕಾನೂನೂ ಈ ಮೂವರನ್ನು ಮೂರು ಬಗೆಯಾಗಿ ಕಂಡಿತು. 1972ರ ವನ್ಯಜೀವಿ ಸಂರಕ್ಷಣಾ ಕಾಯಿದೆಯ ಅನುಸೂಚಿಗಳಲ್ಲಿ ಬಾರಾಪೇಡೆಯ ಬಾವಲಿಗೆ ಕಾಲಕ್ರಮದಲ್ಲಿ ಹುಲಿಯ ಸಾಲಿನ ಮೊದಲನೆಯ ಅನುಸೂಚಿ ದೊರೆಯಿತು. ಹಣ್ಣುಬಾವಲಿಗಳು ಕಾಗೆ, ಇಲಿ, ಹೆಗ್ಗಣಗಳೊಡನೆ ಐದನೆಯ ಅನುಸೂಚಿಯಲ್ಲಿ ಪೀಡೆಗಳೆನಿಸಿ, ಯಾರು ಕೊಂದರೂ ಕೇಳುವವರಿಲ್ಲದಂತಾದವು. ಕೋಲಾರದ್ದಕ್ಕೆ ಆಗ ಹೆಸರೇ ಇರಲಿಲ್ಲ. 2022ರ ತಿದ್ದುಪಡಿಯಿಂದ ಪೀಡೆಗಳ ಆ ಅನುಸೂಚಿ ಕಾಯಿದೆಯಿಂದಲೇ ಹೋಯಿತು. ಐವತ್ತು ವರ್ಷದ ಅಪವಾದ ಕಾಗದದ ಮೇಲೆ ಕಳೆಯಿತು.

ಜನರ ಮನಸ್ಸಿನಲ್ಲಿ ಅದು ಇನ್ನೂ ಕಳೆದಿಲ್ಲ. 2018ರಲ್ಲಿ ಕೇರಳದ ಕೋಳಿಕ್ಕೋಡಿನ ಕಡೆ ನಿಪಾ ರೋಗ ಕಾಣಿಸಿ, ಹಣ್ಣುಬಾವಲಿಗಳಲ್ಲಿ ಅದರ ವೈರಾಣು ಇರುವುದು ತಿಳಿದಾಗ ಭಯ ಇಮ್ಮಡಿಯಾಯಿತು. ಬಾವಲಿ ಕಚ್ಚಿ ಬಿದ್ದ ಹಣ್ಣನ್ನು ಮಕ್ಕಳು ತಿನ್ನದಂತೆ ನೋಡಿಕೊಳ್ಳುವುದು, ನೆಲದ ಮೇಲೆ ಬಿದ್ದ ಬಾವಲಿಯನ್ನು ಬರಿಗೈಯಿಂದ ಮುಟ್ಟದಿರುವುದು ವಿವೇಕದ ಮಾತೇ ಸರಿ. ಆದರೆ ಪಟಾಕಿ ಹಾರಿಸಿ, ಮರ ಕಡಿದು ಅವುಗಳನ್ನು ಅಟ್ಟಿದರೆ ರೋಗ ಅಟ್ಟಿದಂತಾಗುವುದಿಲ್ಲ. ಚದುರಿದ ಗುಂಪು ಇನ್ನೊಂದು ಊರಿನ ಮರಕ್ಕೆ, ಜನರಿಗೆ ಮತ್ತಷ್ಟು ಹತ್ತಿರಕ್ಕೆ ಬರುತ್ತದೆ. ಹಸಿವಿನಿಂದಲೂ ದಿಗಿಲಿನಿಂದಲೂ ಬಳಲಿದ ಪ್ರಾಣಿಯಿಂದ ವೈರಾಣು ಹೊರಬೀಳುವ ಸಂಭವವೂ ಹೆಚ್ಚೆಂದು ತಿಳಿದವರು ಎಚ್ಚರಿಸುತ್ತಾರೆ.

ಸಂಜೆಯ ಕಡೆಯ ದೋಣಿ ರಂಗನತಿಟ್ಟಿನ ದಡಕ್ಕೆ ಮರಳುವ ಹೊತ್ತಿಗೆ ಮರದ 'ಹಣ್ಣು'ಗಳು ಮಿಸುಕಾಡತೊಡಗುತ್ತವೆ. ಬೆಳಿಗ್ಗೆ ಪ್ರಶ್ನೆ ಕೇಳಿದ ಮಗುವಿನಂಥ ಮಗುವೊಂದು ಆ ದೋಣಿಯಲ್ಲಿಯೂ ಇರುತ್ತದೆ. ಆ ಮಗು ಬೆರಳು ತೋರಿಸಿ ಅವುಗಳನ್ನು ಎಣಿಸಲು ಹೊರಟು ಎಣಿಕೆ ತಪ್ಪುತ್ತದೆ. ಅದೇ ಹೊತ್ತಿಗೆ ಹನುಮನಹಳ್ಳಿಯ ಬಂಡೆಯ ಸಂದಿನಿಂದ ಅವುಗಳ ಪುಟ್ಟ ನೆಂಟರು ಹೊರಡುತ್ತವೆ. ಅವುಗಳನ್ನು ಎಣಿಸಲು ಹೊರಟರೆ ಎಣಿಕೆ ತಪ್ಪುವಷ್ಟು ಅವು ಉಳಿದಿಲ್ಲ.